ಲಕ್ಕಿ ಎಗ್ ಕದ್ದವರು ಯಾರು?



ಹೋದ ಶನಿವಾರ ರಾತ್ರಿ ನಮ್ಮ ಮನೆಯಲ್ಲಿ ಒಂದು ಕಳ್ಳತನದ ವಿಚಾರಣೆ ನಡೆಯಿತು. ಕಳುವಾದದ್ದು ಒಂದು ಮೊಟ್ಟೆ. ದೂರು ಕೊಟ್ಟವನು ಒಂಬತ್ತನೇ ತರಗತಿಯ ಮೊಮ್ಮಗ. ಆರೋಪಿ ನಾಲ್ಕನೇ ತರಗತಿಯ ಮೊಮ್ಮಗಳು, ನಮ್ಮ ಪುಟ್ಟಿ. ಊಟಕ್ಕೆ ಕರೆದರೂ ಬಾರದೆ ದೇವರ ಕೋಣೆಯ ಬಾಗಿಲ ಹಿಂದೆ ಕೂತು ಅಳುತ್ತಿದ್ದಳು. "ನಾನು ಮುಟ್ಟೇ ಇಲ್ಲ ತಾತ" ಎನ್ನುವುದು ಬಿಟ್ಟರೆ ಅವಳ ಬಾಯಿಂದ ಬೇರೆ ಮಾತಿಲ್ಲ.

ಮೊಟ್ಟೆ ಅಡುಗೆಮನೆಯದಲ್ಲ, ಮೊಬೈಲಿನದು. ಪೋಕೆಮಾನ್ ಗೋ ಎಂಬ ಆಟದ 'ಲಕ್ಕಿ ಎಗ್'. ಆಟ ಗೊತ್ತಿಲ್ಲದ ನನ್ನ ವಯಸ್ಸಿನ ಓದುಗರಿಗಾಗಿ ಎರಡು ಮಾತು ಹೇಳಿಬಿಡುತ್ತೇನೆ. ಜಪಾನಿನ ಸತೋಷಿ ತಾಜಿರಿ ಎಂಬವರು ಚಿಕ್ಕಂದಿನಲ್ಲಿ ಹೊಲ, ಕೆರೆದಂಡೆಗಳಲ್ಲಿ ಹುಳುಹುಪ್ಪಟೆ ಹಿಡಿದು ಕೂಡಿಡುತ್ತಿದ್ದರಂತೆ. ಆ ಹುಚ್ಚಿನಿಂದಲೇ 1996ರಲ್ಲಿ ಪೋಕೆಮಾನ್ ಆಟ ಹುಟ್ಟಿತು. ಅದನ್ನು ಬೀದಿಗೆ ಇಳಿಸಿದ್ದು 2016ರ ಜುಲೈನಲ್ಲಿ ಬಂದ ಪೋಕೆಮಾನ್ ಗೋ. ಅದೇ ವರ್ಷ ಡಿಸೆಂಬರಿನಲ್ಲಿ ಭಾರತಕ್ಕೂ ಬಂತು. ಇದರಲ್ಲಿ ಕೂತಲ್ಲೇ ಕೂತರೆ ಹೆಚ್ಚೇನೂ ಸಿಗುವುದಿಲ್ಲ, ನಡೆಯಬೇಕು. ನೀವು ಎಲ್ಲಿದ್ದೀರಿ ಎಂದು ಮೊಬೈಲು ತಿಳಿದುಕೊಂಡು ನಕ್ಷೆಯ ಮೇಲೆ ವಿಚಿತ್ರ ಪ್ರಾಣಿಗಳನ್ನು ತೋರಿಸುತ್ತದೆ. ಚೆಂಡು ಎಸೆದು ಅವನ್ನು ಹಿಡಿಯಬೇಕು. ಗುಡಿ, ಪ್ರತಿಮೆ, ಪಾರ್ಕಿನ ಬಾಗಿಲು ಇಂಥ ಜಾಗಗಳೇ 'ಪೋಕೆಸ್ಟಾಪ್'ಗಳು. ಅಲ್ಲಿ ಚೆಂಡು, ಔಷಧಿ ಮುಂತಾದ ಸಾಮಾನು ಸಿಗುತ್ತವೆ. ಆ ಸಾಮಾನೆಲ್ಲ ಆಟದ ಚೀಲಕ್ಕೆ ಹೋಗುತ್ತವೆ.

ಚೀಲದ ಸಾಮಾನುಗಳಲ್ಲಿ ಲಕ್ಕಿ ಎಗ್ ಬೆಲೆಬಾಳುವಂಥದ್ದು. ಅದನ್ನು ಬಳಸಿದರೆ ಮುಂದಿನ 30 ನಿಮಿಷ ಅನುಭವದ ಅಂಕಗಳು ಎರಡರಷ್ಟು ಬರುತ್ತವೆ. ನಮ್ಮ ಹುಡುಗನಿಗೆ ಮಟ್ಟ ಏರಿದಾಗ ಬಹುಮಾನವಾಗಿ ಒಂದು ಸಿಕ್ಕಿತ್ತು. ಅವನು ಅದನ್ನು ಜೋಪಾನ ಮಾಡಿ ದೊಡ್ಡ ಯೋಜನೆ ಹಾಕಿಕೊಂಡಿದ್ದ. ಪಿಜ್ಜಿ ಎಂಬ ಪುಟ್ಟ ಹಕ್ಕಿಯನ್ನು ಮುಂದಿನ ರೂಪಕ್ಕೆ ಬೆಳೆಸಲು 12 ಮಿಠಾಯಿ ಬೇಕು. ಅವನು ವಾರಗಟ್ಟಲೆ ಹಕ್ಕಿ ಹಿಡಿದು 180 ಮಿಠಾಯಿ ಕೂಡಿಸಿದ್ದ. ಅಂದರೆ 15 ಹಕ್ಕಿಗಳು, ಎಲ್ಲವೂ ಅರ್ಧ ಗಂಟೆಯೊಳಗೆ, ಎಲ್ಲಕ್ಕೂ ಎರಡರಷ್ಟು ಅಂಕ. ಲೆಕ್ಕ ಚೆನ್ನಾಗಿಯೇ ಇತ್ತು. ಶನಿವಾರ ರಾತ್ರಿ ಎಂಟಕ್ಕೆ ಚೀಲ ತೆಗೆದು ನೋಡಿದರೆ ಮೊಟ್ಟೆಯೇ ಇಲ್ಲ! ಅದಕ್ಕೆ ಮುಂಚೆ ಒಂದು ಗಂಟೆ ಆ ಮೊಬೈಲು ಚಿತ್ರ ಬಿಡಿಸಲು ಪುಟ್ಟಿಯ ಕೈಯಲ್ಲಿತ್ತು. ಇನ್ನೇನು ಬೇಕು ಸಾಕ್ಷಿ?

"ಅವಳೇ ತಾತ. ಏನೇನೋ ಒತ್ತಿ ಹಾಳು ಮಾಡಿದಾಳೆ."

"ನೀನು ನೋಡಿದೆಯಾ?"

"ನೋಡಿಲ್ಲ. ಆದ್ರೆ ಇನ್ಯಾರು ಮಾಡ್ತಾರೆ?"

ನಾನು ಬ್ಯಾಂಕಿನಲ್ಲಿ ಗುಮಾಸ್ತನಾಗಿ ಹತ್ತಿರ ಹತ್ತಿರ ನಲವತ್ತು ವರ್ಷ ಲೆಕ್ಕ ಬರೆದವನು. "ಇನ್ಯಾರು ಮಾಡ್ತಾರೆ" ಎಂಬ ಮಾತು ಕೇಳಿದರೆ ನನಗೆ ಇವತ್ತಿಗೂ ಎದೆ ಝಲ್ಲೆನ್ನುತ್ತದೆ. ಯಾಕೆ ಅಂತ ಕೊನೆಗೆ ಹೇಳುತ್ತೇನೆ. ಒಂದು ಹಾಳೆ ತಂದು, ಬೆಳಗಿನಿಂದ ಆ ಮೊಬೈಲಿನಲ್ಲಿ ಏನೇನು ಮಾಡಿದೆ, ಎಷ್ಟು ಗಂಟೆಗೆ, ಎಲ್ಲಿ ನಿಂತು ಎಂದು ಬರೆಯಲು ಹೇಳಿದೆ. "ಕಣ್ಣಿಗೆ ಕಂಡದ್ದನ್ನು ಮಾತ್ರ ಬರಿ, ಅಂದುಕೊಂಡದ್ದನ್ನು ಬರೀಬೇಡ" ಎಂದೆ.

ಗೊಣಗುತ್ತಾ ಬರೆದ. ಐದನೇ ಸಾಲಿಗೆ ಬರುವಾಗ ಅವನ ಪೆನ್ನು ನಿಧಾನವಾಯಿತು. ಸಂಜೆ ಐದೂವರೆಗೆ ಗುಡಿಯ ಹಿಂದಿನ ಓಣಿಯಲ್ಲಿ ಅವನೇ ಲಕ್ಕಿ ಎಗ್ ಒತ್ತಿದ್ದ! ಪರದೆಯ ಎಡಗಡೆ ಮೇಲೆ ಬಿಳಿ ಚೆಂಡು ಗಿರಗಿರ ತಿರುಗುತ್ತಾ ನಿಂತಿತು, ಮುಂದೆ ಏನೂ ಆಗಲಿಲ್ಲ. ಸಿಟ್ಟು ಬಂದು ಆಟವನ್ನೇ ಮುಚ್ಚಿದ. "ಕೆಲಸ ಆಗ್ಲಿಲ್ಲ, ಮನೇಲಿ ಮಾಡೋಣ" ಎಂದುಕೊಂಡು ಕ್ರಿಕೆಟ್ಟಿಗೆ ಹೋದ.

"ಆಗ್ಲಿಲ್ಲ ಅಂತ ಯಾರು ಹೇಳಿದ್ರು?" ಎಂದೆ.

"ಪರದೆ ಮೇಲೆ ಏನೂ ಬರ್ಲಿಲ್ವಲ್ಲ ತಾತ."

ಮಕ್ಕಳೇ, ಇಲ್ಲೇ ಇದೆ ಗುಟ್ಟು. ನಮ್ಮ ಕಾಲದಲ್ಲಿ ಬ್ಯಾಂಕಿನ ಗ್ರಾಹಕರ ಕೈಯಲ್ಲಿ ಪಾಸ್‌ಬುಕ್ ಇರುತ್ತಿತ್ತು, ಬ್ಯಾಂಕಿನ ಕಪಾಟಿನಲ್ಲಿ ಲೆಡ್ಜರ್ ಇರುತ್ತಿತ್ತು. ನಿಜವಾದ ಲೆಕ್ಕ ಲೆಡ್ಜರಿನದು. ಪಾಸ್‌ಬುಕ್ಕಿನಲ್ಲಿ ಬರೆಸಿಕೊಂಡು ಹೋಗಿಲ್ಲ ಎಂದ ಮಾತ್ರಕ್ಕೆ ಹಣ ತೆಗೆದದ್ದು ಸುಳ್ಳಾಗುವುದಿಲ್ಲ. ಈ ಆಟವೂ ಹಾಗೆಯೇ. ನಿಮ್ಮ ಕೈಯಲ್ಲಿರುವ ಮೊಬೈಲು ಪಾಸ್‌ಬುಕ್. ಲೆಡ್ಜರ್ ಇರುವುದು ದೂರದಲ್ಲೆಲ್ಲೋ ಇರುವ ಸರ್ವರ್ ಎಂಬ ಯಂತ್ರದಲ್ಲಿ. ನೀವು ಒತ್ತಿದ್ದು ಚೀಟಿ ಕಳಿಸಿದ ಹಾಗೆ. ಆ ಬಿಳಿ ಚೆಂಡು ತಿರುಗುತ್ತಿದೆ ಎಂದರೆ ಮೊಬೈಲು ಸರ್ವರ್ ಜೊತೆ ಮಾತನಾಡುತ್ತಿದೆ ಎಂದರ್ಥ. ಸಿಗ್ನಲ್ ಸರಿ ಇಲ್ಲದ ಕಡೆ ಚೀಟಿ ಹೋಗಿ ತಲುಪಿ, ಅಲ್ಲಿ ಬರೆದುಕೊಂಡು, ಉತ್ತರ ಮಾತ್ರ ವಾಪಸು ಬಾರದೆ ಇರಬಹುದು. ಆಟ ಮುಚ್ಚಿದರೂ ಮೊಟ್ಟೆಯ 30 ನಿಮಿಷ ನಿಲ್ಲುವುದಿಲ್ಲ, ಓಡುತ್ತಲೇ ಇರುತ್ತದೆ.

ಹುಡುಗ ಒಪ್ಪಲಿಲ್ಲ. "ಹಾಗೇ ಆಯ್ತು ಅಂತ ಹೇಗೆ ಹೇಳ್ತೀರಿ?" ಎಂದ. ಒಳ್ಳೆಯ ಪ್ರಶ್ನೆಯೇ. ಭಾನುವಾರ ಸಂಜೆ ಮೂವರೂ ಅದೇ ಓಣಿಗೆ ಹೋದೆವು. ಚೀಲದಲ್ಲಿ ಪ್ರಾಣಿಗಳನ್ನು ಕರೆಯುವ ಧೂಪ, ಅದಕ್ಕೆ 'ಇನ್ಸೆನ್ಸ್' ಅನ್ನುತ್ತಾರೆ, ಎರಡು ಇದ್ದವು. ಪುಟ್ಟಿ ಹಾಳೆಯಲ್ಲಿ '2' ಎಂದು ಬರೆದುಕೊಂಡಳು. ಸಿಗ್ನಲ್ ಒಂದೇ ಗೆರೆಗೆ ಇಳಿದ ಜಾಗದಲ್ಲಿ ಹುಡುಗ ಒಂದನ್ನು ಒತ್ತಿದ. ಚೆಂಡು ತಿರುಗಿತು, ತಿರುಗಿತು, ಅಲ್ಲೇ ನಿಂತಿತು. ಆಟ ಮುಚ್ಚಿಸಿದೆ. ಮುಖ್ಯ ರಸ್ತೆಗೆ ನಡೆದು ಬಂದು ಮತ್ತೆ ತೆರೆಸಿದೆ. ಚೀಲದಲ್ಲಿ ಒಂದೇ ಧೂಪ. ನಕ್ಷೆಯ ಬಲಗಡೆ ಪುಟ್ಟ ಗುರುತಿನಲ್ಲಿ ಅದರ ಸಮಯ ಓಡುತ್ತಿತ್ತು. 60 ನಿಮಿಷದಲ್ಲಿ ಐದು ನಿಮಿಷ ಆಗಲೇ ಕಳೆದಿತ್ತು. ಪುಟ್ಟಿ ಹಾಳೆಯಲ್ಲಿ '1' ಎಂದು ದೊಡ್ಡದಾಗಿ ಬರೆದು ಅಣ್ಣನ ಮುಖ ನೋಡಿದಳು. ಅವನು ಚಪ್ಪಲಿ ನೋಡುತ್ತಿದ್ದ.

ಈ ಸುದ್ದಿ ಬೀದಿಯಲ್ಲಿ ಹಬ್ಬಿ, ಈಗ ಸಂಜೆ ನಮ್ಮ ಜಗಲಿ ಮತ್ತೆ ಬ್ಯಾಂಕ್ ಕೌಂಟರಿನಂತಾಗಿದೆ. ಟೋಕನ್ ಒಂದು ಇಲ್ಲ ಅಷ್ಟೇ. ಬರುವ ದೂರುಗಳಲ್ಲಿ ಮುಕ್ಕಾಲು ಪಾಲು 'ಸಾಮಾನು ಕೆಲಸ ಮಾಡ್ತಿಲ್ಲ' ಎಂಬುವೇ. ಬಂದವರಿಗೆ ಹೇಳಿದ್ದನ್ನೇ ನಿಮಗೂ ಹೇಳುತ್ತೇನೆ.

ಔಷಧಿ ಹಾಕಿದರೂ ಪ್ರಾಣಿ ಏಳುತ್ತಿಲ್ಲ ಎಂದರೆ ಅದು ಗಾಯಗೊಂಡಿದೆಯೋ ಮೂರ್ಛೆ ಹೋಗಿದೆಯೋ ನೋಡಿ. 'ಪೋಷನ್' ಗಾಯಕ್ಕೆ ಮಾತ್ರ. ಸಾಧಾರಣದ್ದು 20, ಸೂಪರ್ 50, ಹೈಪರ್ 200 ಅಂಕದಷ್ಟು ಶಕ್ತಿ ಕೊಡುತ್ತದೆ. ಮೂರ್ಛೆ ಹೋದದ್ದಕ್ಕೆ ಮೊದಲು 'ರಿವೈವ್' ಬೇಕು. ಅದು ಅರ್ಧ ಶಕ್ತಿ ತುಂಬಿ ಎಬ್ಬಿಸುತ್ತದೆ, ಆಮೇಲೆ ಪೋಷನ್. ಜಿಮ್ಮಿನಲ್ಲಿ ಕಾವಲಿಗೆ ಬಿಟ್ಟು ಬಂದ ಪ್ರಾಣಿಗೆ ಈ ಎರಡೂ ಹಾಕಲು ಬರುವುದಿಲ್ಲ.

'ಸನ್ ಸ್ಟೋನ್' ಒತ್ತಿದರೆ ಏನೂ ಆಗುತ್ತಿಲ್ಲ ಎಂದು ಒಬ್ಬ ಹುಡುಗಿ ಬಂದಿದ್ದಳು. ಅದನ್ನು ಚೀಲದಿಂದ ಬಳಸುವುದಲ್ಲ, ಪ್ರಾಣಿಯ ಪುಟ ತೆರೆದು ಅಲ್ಲಿ ಬೆಳೆಸುವ ಗುಂಡಿ ಒತ್ತಬೇಕು. ಕಲ್ಲೊಂದೇ ಸಾಲದು. ಗ್ಲೂಮ್ ಬೆಲ್ಲಾಸಮ್ ಆಗಬೇಕಾದರೆ ಕಲ್ಲಿನ ಜೊತೆ 100 ಮಿಠಾಯಿ ಬೇಕು. ಚೆಕ್ಕು ಇದ್ದರೂ ಖಾತೆಯಲ್ಲಿ ದುಡ್ಡಿರಬೇಕಲ್ಲವೇ?

ಪೋಕೆಸ್ಟಾಪ್ ತಿರುಗಿಸಿದರೂ ಸಾಮಾನು ಬರುತ್ತಿಲ್ಲ ಎಂದರೆ ಚೀಲ ತುಂಬಿದೆಯೇ ನೋಡಿ. ಮೊದಲಿಗೆ ಅದರಲ್ಲಿ 350 ಸಾಮಾನಿಗೆ ಜಾಗ. ಬೇಡದ್ದನ್ನು ಕಸದ ಬುಟ್ಟಿಯ ಗುರುತು ಒತ್ತಿ ಎಸೆಯಬಹುದು. ಅದಕ್ಕೆ ಮುಂಚೆ ಎರಡು ಸಲ ಯೋಚಿಸಿ, ಎಸೆದದ್ದು ವಾಪಸು ಬರುವುದಿಲ್ಲ. ಇನ್ನು ಮರಿಯಾಗಲು ಇಟ್ಟ ಮೊಟ್ಟೆ ಮುಂದೆ ಸಾಗುತ್ತಿಲ್ಲ ಎಂದರೆ ನೀವು ಬಸ್ಸಿನಲ್ಲಿ ಕೂತಿರುತ್ತೀರಿ. ಅದು ನಡಿಗೆಯ ಲೆಕ್ಕ, ವಾಹನದ ವೇಗವನ್ನು ಒಪ್ಪುವುದಿಲ್ಲ.

ಮೊಬೈಲಿನದೂ ಸ್ವಲ್ಪ ನೋಡಿಕೊಳ್ಳಿ. ಲೊಕೇಶನ್ ಆನ್ ಇದ್ದು, ನಿಖರ ಸ್ಥಳ ತಿಳಿಯಲು ಅನುಮತಿ ಕೊಟ್ಟಿದ್ದೀರಾ? ಬ್ಯಾಟರಿ ಉಳಿಸುವ ವ್ಯವಸ್ಥೆ ಆನ್ ಆಗಿ ಲೊಕೇಶನ್ನಿಗೆ ಅಡ್ಡಿಯಾಗಿದೆಯಾ? ಆಟದ ಹೊಸ ಆವೃತ್ತಿ ಹಾಕಿಕೊಂಡಿದ್ದೀರಾ? ಎಲ್ಲ ಸರಿ ಇದ್ದರೆ ಆಟ ಮುಚ್ಚಿ, ಸಿಗ್ನಲ್ ಇರುವ ಕಡೆ ಬಂದು ತೆರೆಯಿರಿ. ತೆರೆದಾಗ ಮೊಬೈಲು ಲೆಡ್ಜರ್ ನೋಡಿಕೊಂಡು ಬರುತ್ತದೆ. ಚೀಲದಲ್ಲಿ ಎಷ್ಟು ಉಳಿದಿದೆ, ಬಲಗಡೆ ಸಮಯ ಓಡುತ್ತಿದೆಯೇ ಎಂದು ನೋಡುವವರೆಗೆ ಎರಡನೇ ಸಲ ಒತ್ತಬೇಡಿ. ಅಪ್ಪ ಅಮ್ಮಂದಿರಿಗೂ ಇದೇ ಮಾತು. ಅಂಗಡಿಯಲ್ಲಿ ಯುಪಿಐ ಚಕ್ರ ತಿರುಗುತ್ತಾ ನಿಂತರೆ ಖಾತೆ ನೋಡದೆ ಮತ್ತೊಮ್ಮೆ ಹಣ ಕಳಿಸಬೇಡಿ. ಮತ್ತೆ ಎಲ್ಲರೂ, ರಸ್ತೆ ದಾಟುವಾಗ ಮೊಬೈಲು ಜೇಬಿನಲ್ಲಿರಲಿ.

ಇನ್ನು "ಇನ್ಯಾರು ಮಾಡ್ತಾರೆ" ಎಂಬ ಮಾತಿನ ಕಥೆ. ನಾನು ಕೆಲಸಕ್ಕೆ ಸೇರಿದ ಹೊಸದು. ಒಂದು ಸಂಜೆ ಕ್ಯಾಶ್ ತಾಳೆಯಾಗಲಿಲ್ಲ. ಪುಸ್ತಕದ ಲೆಕ್ಕಕ್ಕಿಂತ 2,700 ರೂಪಾಯಿ ಕಮ್ಮಿ. ಆಗ ಅದು ನನ್ನ ಕೆಲವು ತಿಂಗಳ ಸಂಬಳ. ಪೆಟ್ಟಿಗೆ ಒಳಗೆ ಸಾಗಿಸಿದವನು ನಮ್ಮ ಅಟೆಂಡರ್. ಎಲ್ಲರ ಮುಂದೆ ನಾನೇ ಹೇಳಿದೆ, "ಪೆಟ್ಟಿಗೆ ಹತ್ತಿರ ಇದ್ದವನು ಅವನೊಬ್ಬನೇ, ಇನ್ಯಾರು ಮಾಡ್ತಾರೆ?" ಅವನ ಜೇಬು, ಟಿಫಿನ್ ಡಬ್ಬಿ ಎಲ್ಲ ಹುಡುಕಿದರು. ರಾತ್ರಿ ಒಂಬತ್ತಕ್ಕೆ ಹಿರಿಯ ಅಕೌಂಟೆಂಟರು ಬಂದು, "2,700 ಒಂಬತ್ತರಿಂದ ಭಾಗವಾಗುತ್ತೆ, ಅಂಕಿ ಹಿಂದುಮುಂದಾಗಿರಬೇಕು, ವೋಚರ್ ತೆಗಿ" ಎಂದರು. 8,500 ಕೊಟ್ಟ ವೋಚರನ್ನು ಪುಸ್ತಕದಲ್ಲಿ 5,800 ಎಂದು ಬರೆದಿತ್ತು. ಕೈಬರಹ ನನ್ನದು.

ಮಾರನೇ ದಿನ ಕ್ಷಮೆ ಕೇಳಿದೆ. "ಇರ್ಲಿ ಬಿಡಿ ಸ್ವಾಮಿ" ಎಂದ. ಆದರೆ ಆ ಶಾಖೆಯಲ್ಲಿ ನಾನಿದ್ದಷ್ಟು ದಿನವೂ ಅವನು ನನ್ನ ಕೌಂಟರಿನ ಪೆಟ್ಟಿಗೆಯನ್ನು ಇನ್ನೊಬ್ಬರು ಜೊತೆಗಿಲ್ಲದೆ ಮುಟ್ಟಲಿಲ್ಲ.

ಇದನ್ನು ಭಾನುವಾರ ಮನೆಗೆ ಬರುವ ದಾರಿಯಲ್ಲಿ ಮೊಮ್ಮಗನಿಗೆ ಹೇಳಿದೆ. ಮೊದಲ ಸಲ ಹೇಳಿದ್ದು. ಅವನು ಏನೂ ಮಾತಾಡಲಿಲ್ಲ. ರಾತ್ರಿ ಊಟಕ್ಕೆ ಕೂತಾಗ ಶನಿವಾರ ಆರೋಪ ಕೇಳಿದ್ದ ಎಲ್ಲರ ಎದುರಿಗೇ, "ಪುಟ್ಟಿ, ತಪ್ಪು ನಂದೇ ಕಣೇ, ಸಾರಿ" ಎಂದ. ಅವಳು ಹೋಳಿಗೆಯ ಎರಡನೇ ತುಂಡು ಮುರಿಯುತ್ತಾ, "ಇನ್ಮೇಲೆ ಮೊದ್ಲು ಲೆಕ್ಕ ನೋಡು" ಎಂದಳು. ಮೊಬೈಲು ಈಗಲೂ ಅವಳ ಕೈಗೆ ಸಿಗುತ್ತದೆ, ಅವಳು ಹೆದರದೆ ಮುಟ್ಟುತ್ತಾಳೆ. ಹೋದ ಮೊಟ್ಟೆಗಿಂತ ಅದು ದೊಡ್ಡದು.

ಈ ವಾರದ ಮನೆಗೆಲಸ: ಯಾವುದಾದರೂ ಎರಡಂಕಿಯ ಸಂಖ್ಯೆ ಬರೆಯಿರಿ. ಅಂಕಿಗಳನ್ನು ಅದಲುಬದಲು ಮಾಡಿ, ದೊಡ್ಡದರಿಂದ ಚಿಕ್ಕದನ್ನು ಕಳೆಯಿರಿ. 72ರಲ್ಲಿ 27 ಕಳೆದರೆ 45. ಉತ್ತರ ಯಾವಾಗಲೂ ಒಂಬತ್ತರಿಂದ ಭಾಗವಾಗುತ್ತದೆ. ಯಾಕೆ ಎಂದು ಯೋಚಿಸಿ ಇಡಿ, ಮುಂದಿನ ವಾರ ಹೇಳುತ್ತೇನೆ. ಒಂದು ಎಚ್ಚರಿಕೆ: ಒಂಬತ್ತರಿಂದ ಭಾಗವಾದ ಮಾತ್ರಕ್ಕೆ ತಪ್ಪು ಅಲ್ಲೇ ಇದೆ ಎಂದಲ್ಲ. ಎಲ್ಲಿ ಹುಡುಕಬೇಕು ಎಂಬುದಕ್ಕೆ ಅದು ಸುಳಿವು ಅಷ್ಟೇ. ವೋಚರ್ ತೆಗೆದು ನೋಡಲೇಬೇಕು.

ನಿಮ್ಮ ತಾತ