ಒಂದು ಮತದ ಅಂತರ

ಸತ್ತೇಗಾಲದ ಬಳಿ ಕಾವೇರಿಯು ಎರಡು ಕವಲಾಗಿ ಒಡೆದು, ಶಿವನಸಮುದ್ರವೆಂಬ ದ್ವೀಪವನ್ನು ಬಳಸಿ, ಒಂದು ಕಡೆ ಗಗನಚುಕ್ಕಿಯಾಗಿಯೂ ಇನ್ನೊಂದು ಕಡೆ ಭರಚುಕ್ಕಿಯಾಗಿಯೂ ಧುಮುಕುತ್ತದೆ. ಬೆಂಗಳೂರು ಮೈಸೂರುಗಳಿಂದ ಬುತ್ತಿ ಕಟ್ಟಿಕೊಂಡು ಬಂದ ಕುಟುಂಬಗಳು ಜಲಪಾತವನ್ನು ಕಣ್ತುಂಬ ನೋಡಿ ಸಂಜೆಗೆ ಮರಳುತ್ತವೆ. ಅವರ ಬೆನ್ನ ಹಿಂದೆ ಸತ್ತೇಗಾಲದಿಂದ ಮೊದಲುಗೊಂಡು ಕೊಳ್ಳೇಗಾಲ, ಹನೂರು, ಮಲೆ ಮಹದೇಶ್ವರನ ಬೆಟ್ಟದ ಪರ್ಯಂತ ಹಬ್ಬಿದ ನಾಡೊಂದಿದೆ ಎಂಬುದು ಎಷ್ಟೋ ಮಂದಿಯ ಗಮನಕ್ಕೇ ಬರುವುದಿಲ್ಲ.

1956ರ ನವೆಂಬರ್ 1ರವರೆಗೆ ಕೊಳ್ಳೇಗಾಲ ತಾಲೂಕು ಕೊಯಮತ್ತೂರು ಜಿಲ್ಲೆಗೆ ಸೇರಿತ್ತು. ಹೊಳೆಯ ಆ ದಡದವರು ಮೈಸೂರಿನವರು, ಈ ದಡದವರು ಮದರಾಸಿನವರು. ಮನೆಯಲ್ಲಿ ಆಡುವುದು ಕನ್ನಡ, ದೇವರು ಮಾದಪ್ಪ. ಆದರೆ 1952ರ ಮೊದಲ ಸಾರ್ವತ್ರಿಕ ಚುನಾವಣೆಯಲ್ಲಿ ಇಲ್ಲಿಯವರು ತಮ್ಮ ಪ್ರತಿನಿಧಿಗಳನ್ನು ಆರಿಸಿ ಕಳುಹಿಸಬೇಕಾದುದು ದೂರದ ಮದರಾಸಿನ ವಿಧಾನಸಭೆಗೆ. ನೆಲದ ಮೇಲಿದ್ದರೂ ಅದೊಂದು ದ್ವೀಪವೇ. ರಾಜ್ಯಗಳ ಪುನರ್ವಿಂಗಡಣೆಯ ಆ ದಿನವೇ, ಅದುವರೆಗೆ ದಕ್ಷಿಣ ಕನ್ನಡ ಜಿಲ್ಲೆಯ ಆಡಳಿತಕ್ಕೆ ಒಳಪಟ್ಟಿದ್ದ ಅಮಿನದಿವಿ ದ್ವೀಪಗಳು ಕೈತಪ್ಪಿ, ಇಂದಿನ ಲಕ್ಷದ್ವೀಪವೆಂಬ ಕೇಂದ್ರಾಡಳಿತ ಪ್ರದೇಶದ ಪಾಲಾದುವು. ಒಂದು ದ್ವೀಪ ಕನ್ನಡಕ್ಕೆ ಬಂದಿತು, ಇನ್ನೊಂದು ಹೋಯಿತು.

ಈ ಎರಡು ಮೂಲೆಗಳೂ 2004ರ ಮೇ 13ರಂದು ಒಟ್ಟಿಗೇ ವಾರ್ತೆಯಾದುವು. ಅಂದು ಮತಗಳ ಎಣಿಕೆ. ಆಂಡ್ರೋತ್ ದ್ವೀಪದಲ್ಲಿ ಹುಟ್ಟಿ, ಮಂಗಳೂರಿನ ಸರಕಾರಿ ಕಾಲೇಜಿನಲ್ಲಿ ಓದಿ, 1967ರಿಂದ ಸತತವಾಗಿ ಹತ್ತು ಬಾರಿ ಲೋಕಸಭೆಗೆ ಆರಿಸಿ ಬಂದು ಉಪಸಭಾಧ್ಯಕ್ಷರೂ ಆಗಿದ್ದ ಶ್ರೀ ಪಿ. ಎಂ. ಸಯೀದರು ಲಕ್ಷದ್ವೀಪದಲ್ಲಿ 71 ಮತಗಳಿಂದ ಸೋತರು. ಒಂದು ಮದುವೆಯ ದಿಬ್ಬಣದಲ್ಲಿ ಅದಕ್ಕಿಂತ ಹೆಚ್ಚು ಜನ ಇರುತ್ತಾರೆ! ಆದರೂ ಸಂತೇಮರಹಳ್ಳಿಯ ಫಲಿತಾಂಶದ ಮುಂದೆ 71 ಕೂಡ ಧಾರಾಳವೆನಿಸಿತು.

ಚಾಮರಾಜನಗರ ಜಿಲ್ಲೆಯ ಸಂತೇಮರಹಳ್ಳಿ ವಿಧಾನಸಭಾ ಕ್ಷೇತ್ರದಲ್ಲಿ ಕಾಂಗ್ರೆಸ್ಸಿನ ಶ್ರೀ ಆರ್. ಧ್ರುವನಾರಾಯಣರಿಗೆ 40,752 ಮತಗಳು. ಜನತಾದಳದ ಶ್ರೀ ಎ. ಆರ್. ಕೃಷ್ಣಮೂರ್ತಿಯವರಿಗೆ 40,751. ಅಂತರ ಒಂದೇ ಒಂದು. ಅಭ್ಯರ್ಥಿಯ ಕಾರಿನ ಚಾಲಕನಿಗೇ ಮತ ಹಾಕಲು ಬಿಡುವು ದೊರೆಯಲಿಲ್ಲವೆಂಬ ಮಾತು ಪತ್ರಿಕೆಗಳಲ್ಲಿ ಬಂದಿತು. ನಿಜವಿರಲಿ, ಸುಳ್ಳಿರಲಿ, ಒಂದು ಮತದಿಂದ ಸೋತವನಿಗೆ ಇಂತಹ ಕಥೆಗಳ ಕೊರತೆಯಿರುವುದಿಲ್ಲ. ಅಂದು ಮನೆಯಲ್ಲುಳಿದ ಪ್ರತಿಯೊಬ್ಬ ಬೆಂಬಲಿಗನೂ ತಾನೇ ಆ ಒಂದು ಮತ ಎಂದುಕೊಳ್ಳಬಹುದು. 2008ರಲ್ಲಿ ರಾಜಸ್ಥಾನದ ನಾಥದ್ವಾರದಲ್ಲಿ ಶ್ರೀ ಸಿ. ಪಿ. ಜೋಶಿಯವರಿಗೂ ಇದೇ ಗತಿಯಾದಾಗ ದೇಶವೆಲ್ಲ ಬೆರಗಾಯಿತು; ಸಂತೇಮರಹಳ್ಳಿಯವರಿಗೆ ಅದು ಹಳೆಯ ಸಮಾಚಾರ.

ಕೃಷ್ಣಮೂರ್ತಿಯವರು ಸಾಮಾನ್ಯ ಮನೆತನದಿಂದ ಬಂದವರಲ್ಲ. ಅವರ ತಂದೆ ಶ್ರೀ ಬಿ. ರಾಚಯ್ಯನವರು ಆಲೂರಿನವರು, ಪರಿಶಿಷ್ಟ ಜಾತಿಯ ಹಿರಿಯ ನಾಯಕರು, ರಾಜ್ಯದಲ್ಲಿ ಮಂತ್ರಿಗಳಾಗಿದ್ದು, ತರುವಾಯ ಹಿಮಾಚಲ ಪ್ರದೇಶಕ್ಕೂ ಕೇರಳಕ್ಕೂ ರಾಜ್ಯಪಾಲರಾದವರು. ಧ್ರುವನಾರಾಯಣರು ಕೃಷಿ ವಿಜ್ಞಾನದಲ್ಲಿ ಸ್ನಾತಕೋತ್ತರ ಪದವಿ ಪಡೆದವರು, ಕಿರಿಯರು. ರಾಜ್ಯಪಾಲರ ಮಗನನ್ನು ಒಂದು ಮತದಿಂದ ಗೆದ್ದವರೆಂದೇ ಅವರ ಹೆಸರು ಮೊದಲು ನಾಡಿಗೆ ಗೊತ್ತಾದುದು. ವಿಧಾನಸಭೆಯ ಹಾಜರಿ ಪುಸ್ತಕದಲ್ಲಿ ಒಂದು ಮತದಿಂದ ಗೆದ್ದವರಿಗೂ ಒಂದು ಲಕ್ಷದಿಂದ ಗೆದ್ದವರಿಗೂ ಒಂದೇ ಸಾಲು. ಆ ಸಾಲನ್ನು ಅವರು ಚೆನ್ನಾಗಿ ಬಳಸಿಕೊಂಡರು. ಕ್ಷೇತ್ರಗಳ ಮರುವಿಂಗಡಣೆಯಲ್ಲಿ ಸಂತೇಮರಹಳ್ಳಿ ಕ್ಷೇತ್ರ ಅಳಿದುಹೋದಾಗ, 2008ರಲ್ಲಿ ಕೊಳ್ಳೇಗಾಲದಿಂದ ಗೆದ್ದರು. ಮರುವರ್ಷ ಲೋಕಸಭೆಗೆ ನಿಂತರು.

ಎದುರಾಳಿ? ಮತ್ತೆ ಕೃಷ್ಣಮೂರ್ತಿಯವರೇ. ಈ ಬಾರಿ ಭಾರತೀಯ ಜನತಾ ಪಕ್ಷದ ಹುರಿಯಾಳು. ಸತ್ತೇಗಾಲ, ಕೊಳ್ಳೇಗಾಲ, ಹನೂರು, ಯಳಂದೂರಿನವರೆಲ್ಲ ಸೇರಿ ಆರಿಸಬೇಕಾದ ಚಾಮರಾಜನಗರ ಕ್ಷೇತ್ರದಲ್ಲಿ ಅವರು 4,002 ಮತಗಳಿಂದ ಸೋತರು. 2014ರಲ್ಲಿ ಮೂರನೆಯ ಸಲ ಅದೇ ಇಬ್ಬರು. ಈಗ ಅಂತರ 1,41,182. ಹತ್ತು ವರ್ಷಗಳಲ್ಲಿ ಒಂದು ಮತದ ಗೆರೆಯು ದೊಡ್ಡ ಕಂದಕವಾಯಿತು. ಕೃಷ್ಣಮೂರ್ತಿಯವರು ಆಮೇಲೆ ಕಾಂಗ್ರೆಸ್ಸಿಗೆ, ಅಂದರೆ ತಮ್ಮನ್ನು ಮೂರು ಬಾರಿ ಸೋಲಿಸಿದವರ ಪಕ್ಷಕ್ಕೇ, ಬಂದರು. ಪಕ್ಷ ಬದಲಿಸಿದುದನ್ನು ಮೆಚ್ಚುವುದು ಕಷ್ಟ. ಆದರೆ ಸೋತ ಮೇಲೂ ಅದೇ ಸೀಮೆಯ ಅದೇ ಹಳ್ಳಿಗಳ ಬಾಗಿಲಿಗೆ ಮರಳಿ ಮರಳಿ ಹೋಗಿ ಕೈಮುಗಿಯುವುದು ಸುಲಭವೆಂದು ಯಾರೂ ಹೇಳಲಾರರು. 2018ರಲ್ಲಿ ಕೊಳ್ಳೇಗಾಲ ವಿಧಾನಸಭಾ ಕ್ಷೇತ್ರದಲ್ಲಿ ಬಹುಜನ ಸಮಾಜ ಪಕ್ಷದ ಶ್ರೀ ಎನ್. ಮಹೇಶರು ಅವರನ್ನು 19,454 ಮತಗಳಿಂದ ಸೋಲಿಸಿ, ರಾಜ್ಯದಲ್ಲಿ ತಮ್ಮ ಪಕ್ಷದ ಏಕೈಕ ಶಾಸಕರೂ ಕೆಲವು ತಿಂಗಳ ಕಾಲ ಮಂತ್ರಿಗಳೂ ಆದರು.

ಅದೃಷ್ಟವು ಧ್ರುವನಾರಾಯಣರನ್ನೂ ಬಿಡಲಿಲ್ಲ. 2019ರ ಲೋಕಸಭೆಯ ಚುನಾವಣೆಯಲ್ಲಿ ಅವರು ಶ್ರೀ ವಿ. ಶ್ರೀನಿವಾಸ ಪ್ರಸಾದರ ಎದುರು 1,817 ಮತಗಳಿಂದ ಸೋತರು. 2023ರ ಮಾರ್ಚ್ 11ರಂದು, ವಿಧಾನಸಭೆಯ ಚುನಾವಣೆ ಹೊಸ್ತಿಲಲ್ಲಿರುವಾಗ, ಹೃದಯಾಘಾತದಿಂದ ತೀರಿಕೊಂಡರು. ಅವರ ಮಗ ನಂಜನಗೂಡಿನಲ್ಲಿ ನಿಂತು ಗೆದ್ದರು. ಕೃಷ್ಣಮೂರ್ತಿಯವರು ಮತ್ತೆ ಕೊಳ್ಳೇಗಾಲದಿಂದ ಸ್ಪರ್ಧಿಸಿದರು. ಅಷ್ಟರಲ್ಲಿ ಮಹೇಶರು ಭಾರತೀಯ ಜನತಾ ಪಕ್ಷವನ್ನು ಸೇರಿದ್ದರು. ಎಣಿಕೆ ನಡೆದುದು ಮೇ 13ರಂದು, ಆ ಒಂದು ಮತದ ಸೋಲಿಗೆ ಹತ್ತೊಂಬತ್ತು ವರ್ಷ ತುಂಬಿದ ದಿನ. ಕೃಷ್ಣಮೂರ್ತಿಯವರು 59,519 ಮತಗಳ ಅಂತರದಿಂದ ಗೆದ್ದರು. ಅವರನ್ನು ಒಂದು ಮತದಿಂದ ಸೋಲಿಸಿದವರು, ಈಗ ಒಂದೇ ಪಕ್ಷದವರಾಗಿದ್ದವರು, ಅಭಿನಂದಿಸಲು ಇರಲಿಲ್ಲ.

ಮತದಾನದ ಮಹತ್ವವನ್ನು ಹೇಳಬೇಕಾದಾಗಲೆಲ್ಲ ಅಧಿಕಾರಿಗಳು ಸಂತೇಮರಹಳ್ಳಿಯ ಆ ಒಂದು ಮತವನ್ನು ಉದಾಹರಿಸುತ್ತಾರೆ. ಪಟ್ಟಣದವರಿಗೆ ಈ ಪಾಠ ಅವಶ್ಯವೇ. ಆದರೆ ಮಹದೇಶ್ವರನ ಬೆಟ್ಟದ ಕಾಡಿನೊಳಗಿನ ಹಳ್ಳಿಗಳಿಗೆ ಅದನ್ನು ಕಲಿಸಬೇಕಾಗಿಲ್ಲ. ಅಲ್ಲಿಯವರ ಕೈಯಲ್ಲಿ ಚೌಕಾಸಿಗೆ ಇರುವ ಒಂದೇ ವಸ್ತು ಅದು. 2024ರ ಏಪ್ರಿಲ್ 26ರಂದು ಹನೂರು ತಾಲೂಕಿನ ಇಂಡಿಗನತ್ತದ ಜನ, ರಸ್ತೆಯಿಲ್ಲ, ನೀರಿಲ್ಲ, ಸೌಕರ್ಯವಿಲ್ಲ ಎಂದು ಲೋಕಸಭೆಯ ಮತದಾನವನ್ನು ಬಹಿಷ್ಕರಿಸಿದರು. ಅಧಿಕಾರಿಗಳು ಒಡಂಬಡಿಸಲು ಹೋದಾಗ ಜಗಳವಾಯಿತು, ಕಲ್ಲು ತೂರಿತು, ಮತಯಂತ್ರ ಪುಡಿಯಾಯಿತು. ಯಂತ್ರ ಒಡೆದುದು ತಪ್ಪೇ. ಕೇಸುಗಳು ದಾಖಲಾದುವು, ಪೊಲೀಸರಿಗೆ ಹೆದರಿ ಹಲವರು ಊರು ಬಿಟ್ಟರು. ಮೂರು ದಿನಗಳ ಮೇಲೆ, 29ರಂದು, ಹೊಸ ಯಂತ್ರವನ್ನಿಟ್ಟು ಮರುಮತದಾನ ನಡೆಸಲಾಯಿತು. ಬೆಳಗಿನಿಂದ ಸಂಜೆಯವರೆಗೆ ಸಿಬ್ಬಂದಿ ಕಾದು ಕುಳಿತಿತ್ತು. ಬಂದವರು ಕೆಲವರು ಮಾತ್ರ.