ಮದ್ದಿಲ್ಲದೆ ಮಾಯವಾದ ಹುಣ್ಣು

ಕನ್ನಡನಾಡಿನಲ್ಲಿ ‘ಸಮುದ್ರ’ ಎಂದು ಕೊನೆಗೊಳ್ಳುವ ಊರ ಹೆಸರುಗಳು ಅನೇಕ. ಯಾದಗಿರಿಯ ಸಮೀಪದ ರಾಮಸಮುದ್ರವೂ ಅಂಥದೊಂದು. ಅಲ್ಲಿಂದ ಪಡುವಣ ಕಡಲು ಮುನ್ನೂರು ಕಿಲೋಮೀಟರಿಗೂ ಮಿಕ್ಕ ದೂರದಲ್ಲಿದೆ. ಹಿಂದಿನವರು ಕೆರೆಯನ್ನೇ ಸಮುದ್ರವೆಂದು ಕರೆದು ಸಂತೋಷಪಡುತ್ತಿದ್ದರು. ನೀರು ವಿರಳವಾದ ಸೀಮೆಯಲ್ಲಿ ನೀರಿನ ಹೆಸರಿಗೆ ಗೌರವ ಹೆಚ್ಚು. ಯಾದಗಿರಿ, ಶಹಾಪುರ, ಸುರಪುರಗಳ ಬಿಸಿಲನ್ನು ಕಂಡವರಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ. ಚೈತ್ರ ವೈಶಾಖಗಳಲ್ಲಿ ಹಳ್ಳ ಬತ್ತಿ, ಕೆರೆಯ ನೆಲ ಬಿರುಕುಬಿಟ್ಟು, ಊರಿಗೆ ಊರೇ ಬಾವಿಯ ತಳದಲ್ಲಿ ಉಳಿದ ಮೊಳಕಾಲುದ್ದದ ನೀರಿಗೆ ಮುಖಮಾಡುತ್ತಿದ್ದ ದಿನಗಳು ಬಹಳ ಹಿಂದಿನವಲ್ಲ.

ಆ ನೀರಿನಲ್ಲಿ ಒಂದು ರೋಗವಿತ್ತು. ಕೊಳಾಯಿ ತಿರುಗಿಸಿದೊಡನೆ ನೀರು ಕಾಣುವ ಪಟ್ಟಣದ ಮನೆಗಳಲ್ಲಿ ಇಂದು ಅದರ ಹೆಸರನ್ನು ಕೇಳಿದವರೇ ಕಡಮೆ. ಆ ಸೀಮೆಯ ಹಿರಿಯರಿಗೆ ಮಾತ್ರ ‘ನಾರು ಹುಣ್ಣು’ ಎಂದರೆ ಸಾಕು, ಎಲ್ಲವೂ ನೆನಪಾಗುತ್ತದೆ. ಯಾದಗಿರಿ ಪ್ರತ್ಯೇಕ ಜಿಲ್ಲೆಯಾದುದು ೨೦೦೯ರ ಕೊನೆಯಲ್ಲಿ. ಅದಕ್ಕೆ ಮುನ್ನ ಅದು ಗುಲ್ಬರ್ಗ ಜಿಲ್ಲೆಯ ಭಾಗವಾಗಿತ್ತು. ಗುಲ್ಬರ್ಗ, ರಾಯಚೂರು, ಬಿಜಾಪುರಗಳು ಈ ರೋಗ ಬೇರುಬಿಟ್ಟಿದ್ದ ಜಿಲ್ಲೆಗಳು.

ರೋಗದ ಲಕ್ಷಣ ವಿಚಿತ್ರವಾದುದು. ಗಟ್ಟಿಮುಟ್ಟಾದ ಆಳಿನ ಪಾದದ ಬಳಿಯಲ್ಲೋ ಮೀನಖಂಡದಲ್ಲೋ ಒಂದು ಬೊಕ್ಕೆ ಏಳುತ್ತದೆ. ಬೆಂಕಿ ತಗುಲಿದಂತೆ ಉರಿ. ಬೊಕ್ಕೆ ಒಡೆದಾಗ ಅದರೊಳಗಿಂದ ಬಿಳಿಯ ನಾರಿನಂತಹ ಹುಳುವಿನ ತುದಿ ತಲೆಯೆತ್ತುತ್ತದೆ. ಹುಳುವಿನ ಉದ್ದ ಒಂದು ಮೀಟರಿನವರೆಗೂ ಇರಬಹುದು. ದಪ್ಪ ಮಾತ್ರ ಒಂದೆರಡು ಮಿಲಿಮೀಟರು. ಎಳೆದು ತೆಗೆಯೋಣವೆಂದರೆ ಒಳಗೇ ತುಂಡಾಗುತ್ತದೆ. ತುಂಡಾದರೆ ಕಾಲು ಬಾತು ಕೀವು ತುಂಬುತ್ತದೆ. ಆದುದರಿಂದ ಒಂದು ಚಿಕ್ಕ ಕಡ್ಡಿಗೆ ತುದಿಯನ್ನು ಸುತ್ತಿ, ದಿನಕ್ಕೆ ಒಂದೆರಡು ಅಂಗುಲದಂತೆ, ವಾರಗಟ್ಟಲೆ ಸುತ್ತುತ್ತ ಹೋಗಬೇಕು. ಇದಕ್ಕಿಂತ ಬೇರೆ ಚಿಕಿತ್ಸೆ ಅಂದು ಇರಲಿಲ್ಲ. ಆಶ್ಚರ್ಯದ ಸಂಗತಿಯೆಂದರೆ, ಇಂದಿಗೂ ಇಲ್ಲ. ಈ ಹುಳುವನ್ನು ಕೊಲ್ಲುವ ಮದ್ದಾಗಲಿ, ತಡೆಯುವ ಲಸಿಕೆಯಾಗಲಿ ಲೋಕದ ಯಾವ ಔಷಧಾಲಯದಲ್ಲಿಯೂ ದೊರೆಯುವುದಿಲ್ಲ.

ಕಡ್ಡಿಗೆ ಸುತ್ತುವ ಈ ವಿದ್ಯೆ ಬಹು ಪ್ರಾಚೀನವಾದುದು. ಕ್ರಿಸ್ತಪೂರ್ವ ೧೫೫೦ರ ಸುಮಾರಿನ ಈಜಿಪ್ಟಿನ ವೈದ್ಯಗ್ರಂಥವಾದ ಎಬರ್ಸ್ ಪಪೈರಸ್ಸಿನಲ್ಲಿ ಇದರ ಸೂಚನೆಯಿದೆಯೆಂದು ವಿದ್ವಾಂಸರು ಹೇಳುತ್ತಾರೆ. ಭಾರತದ ವೈದ್ಯರು ಇದನ್ನು ‘ಸ್ನಾಯುಕ’ ಎಂದು ಕರೆದರು. ಹದಿನಾರನೆಯ ಶತಮಾನದ ಭಾವಪ್ರಕಾಶದಲ್ಲಿ ಇದರ ವರ್ಣನೆಯಿದೆ. ವೈದ್ಯವೃತ್ತಿಯ ಲಾಂಛನವಾಗಿ ಜಗತ್ತಿನಾದ್ಯಂತ ಬಳಕೆಯಲ್ಲಿರುವ, ಗ್ರೀಕರ ವೈದ್ಯದೇವತೆಯ ದಂಡಕ್ಕೆ ಸುತ್ತಿಕೊಂಡ ಹಾವು, ಮೂಲತಃ ಕಡ್ಡಿಗೆ ಸುತ್ತಿದ ಈ ಹುಳುವೇ ಆಗಿರಬಹುದೆಂಬ ಊಹೆಯೂ ಉಂಟು. ಊಹೆ ನಿಜವಾಗಿರಲಿ ಬಿಡಲಿ, ಅದರಲ್ಲಿ ಒಂದು ಔಚಿತ್ಯವಿದೆ. ಮೂರು ಸಾವಿರ ವರ್ಷಗಳ ಕಾಲ ವೈದ್ಯನು ಈ ರೋಗದ ಮುಂದೆ ಕುಳಿತು ಮಾಡಬಲ್ಲವನಾಗಿದ್ದುದು ಒಂದೇ: ಅವಸರಪಡದೆ ಸುತ್ತುವುದು, ನರಳುವವನ ಬಳಿ ತಾಳ್ಮೆಯಿಂದಿರುವುದು.

ನಾರು ಹುಣ್ಣಿನಿಂದ ಸಾಯುವವರು ಕಡಮೆ. ಆದರೆ ಅದು ಬರುತ್ತಿದ್ದ ಕಾಲವನ್ನು ಗಮನಿಸಬೇಕು. ಬಾವಿಯ ನೀರು ತಳಕ್ಕಿಳಿದ ಬೇಸಿಗೆಯಲ್ಲಿ ಸೋಂಕು ಹೆಚ್ಚು. ಒಳಹೊಕ್ಕ ಹುಳು ಬಲಿತು ಹೊರಬರಲು ಒಂದು ವರ್ಷ ಬೇಕು. ಆದುದರಿಂದ ಮುಂದಿನ ಬೇಸಿಗೆಯಲ್ಲಿಯೇ ಕಾಲು ಬಾಯ್ದೆರೆಯುತ್ತಿತ್ತು. ಹೊಲ ಹಸನುಮಾಡಿ ಮುಂಗಾರು ಬಿತ್ತನೆಗೆ ಸಿದ್ಧವಾಗಬೇಕಾದ ಹೊತ್ತಿನಲ್ಲಿ ಒಕ್ಕಲಿಗನು ಜಗಲಿಯ ಮೇಲೆ ಕಾಲು ಚಾಚಿ ಕುಳಿತಿರುತ್ತಿದ್ದನು. ಬಿತ್ತನೆ ತಪ್ಪಿದ ಮನೆಯಲ್ಲಿ ವರ್ಷಪೂರ್ತಿ ಜೋಳ ಕಡಮೆ. ಆಫ್ರಿಕದ ಮಾಲಿ ದೇಶದ ದೋಗಾನ್ ಜನರು ಈ ರೋಗವನ್ನು ‘ಬರಿದಾದ ಕಣಜದ ರೋಗ’ ಎಂದು ಕರೆಯುತ್ತಿದ್ದರಂತೆ. ಭೀಮಾ ತೀರದವರಿಗೂ ಆ ಮಾತಿನ ಅರ್ಥ ತಿಳಿಯುತ್ತಿತ್ತು.

ಇಷ್ಟಕ್ಕೂ ಈ ಹುಳು ಬಂದುದೆಲ್ಲಿಂದ? ೧೮೭೦ರ ಸುಮಾರಿನಲ್ಲಿ ತುರ್ಕಿಸ್ತಾನದಲ್ಲಿ ಸಂಶೋಧನೆ ನಡೆಸುತ್ತಿದ್ದ ರಷ್ಯದ ವಿಜ್ಞಾನಿ ಅಲೆಕ್ಸಿ ಫೆದ್ಚೆಂಕೊ ಈ ಒಗಟನ್ನು ಬಿಡಿಸಿದನು. ಉರಿಯುವ ಕಾಲನ್ನು ತಂಪುಮಾಡಿಕೊಳ್ಳಲು ರೋಗಿಯು ನೀರಿಗಿಳಿಯುತ್ತಾನೆ. ನೀರು ಸೋಕಿದೊಡನೆ ಹುಳು ಲಕ್ಷಾಂತರ ಮರಿಗಳನ್ನು ಹೊರಚೆಲ್ಲುತ್ತದೆ. ಅವುಗಳನ್ನು ಸೈಕ್ಲಾಪ್ಸ್ ಎಂಬ ಸಣ್ಣ ಜಲಜಂತು ತಿನ್ನುತ್ತದೆ. ಗ್ರೀಕ್ ಪುರಾಣದ ಒಕ್ಕಣ್ಣ ರಾಕ್ಷಸನ ಹೆಸರು ಈ ಪ್ರಾಣಿಗೆ. ಗಾತ್ರ ಮಾತ್ರ ಎಳ್ಳಿಗಿಂತ ಕಿರಿದು. ಅದರ ಹೊಟ್ಟೆಯಲ್ಲಿ ಸುಮಾರು ಎರಡು ವಾರ ಬೆಳೆದ ಮರಿ, ನೀರು ಕುಡಿದವರ ಹೊಟ್ಟೆಯನ್ನು ಸೇರುತ್ತದೆ. ಸೈಕ್ಲಾಪ್ಸ್ ಜೀರ್ಣವಾಗುತ್ತದೆ; ಮರಿ ಉಳಿಯುತ್ತದೆ. ವರ್ಷ ಕಳೆದ ಮೇಲೆ ಮತ್ತೊಂದು ಕಾಲಿನಲ್ಲಿ ಮತ್ತೊಂದು ಬೊಕ್ಕೆ.

ಇಲ್ಲಿರುವ ಕ್ರೂರ ವಿಪರ್ಯಾಸವನ್ನು ನೋಡಿರಿ. ನೋವಿಗೆ ಉಪಶಮನ ಹುಡುಕಿಕೊಂಡು ಬಾವಿಗಿಳಿದ ಬಡಪಾಯಿಯೇ ತನ್ನ ನೆರೆಹೊರೆಗೆ ನೋವನ್ನು ಹಂಚಿ ಬರುತ್ತಿದ್ದನು. ಅವನಿಗೆ ಅದು ಗೊತ್ತಿರಲಿಲ್ಲ. ಗೊತ್ತಾಗುವ ಬಗೆಯೂ ಇರಲಿಲ್ಲ. ಇಂದು ಇಳಿದ ಕಾಲಿಗೂ ಬರುವ ವರ್ಷ ಏಳುವ ಬೊಕ್ಕೆಗೂ ನಡುವೆ ಹನ್ನೆರಡು ತಿಂಗಳ ಅಂತರವಿರುವಾಗ ಯಾರು ತಾನೆ ಸಂಬಂಧ ಕಂಡಾರು? ಪಾಪದ ಫಲವೆಂದರು, ಗ್ರಹಚಾರವೆಂದರು. ಈ ರೋಗದ ಮತ್ತೊಂದು ಗುಣವೆಂದರೆ, ಒಮ್ಮೆ ಬಂದವನಿಗೆ ಮತ್ತೆ ಬಾರದಂತೆ ದೇಹದಲ್ಲಿ ಯಾವ ರಕ್ಷಣೆಯೂ ಹುಟ್ಟುವುದಿಲ್ಲ. ಸಿಡುಬು ಬಂದು ಬದುಕಿದವನ ಮೈ ಆ ರೋಗವನ್ನು ಗುರುತಿಟ್ಟುಕೊಳ್ಳುತ್ತಿತ್ತು. ನಾರಿನ ವಿಷಯದಲ್ಲಿ ಮೈ ಏನನ್ನೂ ಕಲಿಯುವುದಿಲ್ಲ. ವರ್ಷ ವರ್ಷವೂ ಅದೇ ಮನುಷ್ಯ, ಅದೇ ಕಾಲು. ದೇಹ ಕಲಿಯಲಾರದ ಪಾಠವನ್ನು ಊರೇ ಕಲಿಯಬೇಕಾಗಿತ್ತು.

ಕಲಿಯುವ ಪ್ರಯತ್ನ ಕನ್ನಡನಾಡಿನಲ್ಲಿಯೇ ಬಹಳ ಹಿಂದೆ ನಡೆದಿತ್ತೆಂಬುದು ಹೆಮ್ಮೆಯ ವಿಷಯ. ೧೯೩೦ರ ದಶಕದಲ್ಲಿ ಮೈಸೂರು ಸಂಸ್ಥಾನದ ಚಿತ್ರದುರ್ಗ ಜಿಲ್ಲೆಯಲ್ಲಿ ವಿ. ಎನ್. ಮೂರ್ತಿಯವರು ಈ ರೋಗವನ್ನು ಶ್ರದ್ಧೆಯಿಂದ ಅಭ್ಯಸಿಸಿದರು. ರಾಕ್‌ಫೆಲರ್ ಪ್ರತಿಷ್ಠಾನದ ಡಬ್ಲ್ಯು. ಸಿ. ಸ್ವೀಟ್ ಅವರೊಡನೆ ಸೇರಿ ಮೆಟ್ಟಿಲ ಬಾವಿಗಳಿಗೆ ಸೈಕ್ಲಾಪ್ಸನ್ನು ತಿನ್ನುವ ಸಣ್ಣ ಮೀನುಗಳನ್ನು ಬಿಡುವ ಉಪಾಯವನ್ನು ಪರೀಕ್ಷಿಸಿ, ೧೯೩೬ರಲ್ಲಿ ಅದನ್ನು ಪ್ರಕಟಿಸಿದರು. ವೈದ್ಯರು ರೋಗಿಯ ನಾಡಿ ಹಿಡಿಯುವುದನ್ನು ಎಲ್ಲರೂ ಕಂಡಿದ್ದಾರೆ. ಇವರು ಬಾವಿಯ ನಾಡಿ ಹಿಡಿದರು. ನಿಜವಾಗಿ ಕಾಯಿಲೆ ಬಿದ್ದುದು ಬಾವಿ. ಮನುಷ್ಯನ ಕಾಲಿನಲ್ಲಿ ಕಾಣುತ್ತಿದ್ದುದು ಅದರ ಲಕ್ಷಣ. ಇದನ್ನು ಅರಿಯುವುದಕ್ಕೆ ವೈದ್ಯನು ಮಂಚದ ಬಳಿಯಿಂದ ಎದ್ದು ಹೊರಗೆ ಬಂದು, ಜನ ನೀರು ತರುವ ದಾರಿಯಲ್ಲಿ ನಡೆಯಬೇಕಾಯಿತು.

ಅರಿವು ಇದ್ದರೂ ಅದು ಎಲ್ಲ ಊರುಗಳನ್ನು ಮುಟ್ಟಲು ಅರ್ಧ ಶತಮಾನ ಬೇಕಾಯಿತು. ೧೯೮೩-೮೪ರಲ್ಲಿ ಭಾರತ ಸರ್ಕಾರವು ನಾರು ಹುಣ್ಣಿನ ನಿರ್ಮೂಲನಕ್ಕೆಂದು ರಾಷ್ಟ್ರೀಯ ಕಾರ್ಯಕ್ರಮವನ್ನು ಆರಂಭಿಸಿತು. ೧೯೮೪ರ ಲೆಕ್ಕದಂತೆ ಕರ್ನಾಟಕವೂ ಸೇರಿ ಏಳು ರಾಜ್ಯಗಳ ೮೯ ಜಿಲ್ಲೆಗಳಲ್ಲಿ ಸುಮಾರು ೪೦,೦೦೦ ರೋಗಿಗಳಿದ್ದರು. ಕೈಕೊಂಡ ಕ್ರಮಗಳು ಸರಳವಾಗಿದ್ದುವು. ಇಳಿಯುವ ಬಾವಿಗಳ ಮೆಟ್ಟಿಲು ಮುಚ್ಚಿ, ಕಟ್ಟೆ ಕಟ್ಟಿ, ಸೇದುವ ಬಾವಿಗಳನ್ನಾಗಿ ಮಾಡುವುದು. ಕೊಳವೆ ಬಾವಿ ಕೊರೆದು ಕೈಪಂಪು ಹಾಕುವುದು. ಸೈಕ್ಲಾಪ್ಸನ್ನು ಕೊಲ್ಲುವ ಟೆಮೆಫಾಸ್ ಎಂಬ ರಾಸಾಯನಿಕವನ್ನು ನೀರಿಗೆ ಬೆರೆಸುವುದು. ಮನೆಮನೆಗೂ ಹೋಗಿ ರೋಗಿಗಳನ್ನು ಹುಡುಕಿ ಹುಣ್ಣಿಗೆ ಪಟ್ಟಿ ಕಟ್ಟುವುದು. ಎಲ್ಲಕ್ಕಿಂತ ಮುಖ್ಯವಾಗಿ, ಕುಡಿಯುವ ನೀರನ್ನು ಒತ್ತಾದ ಬಟ್ಟೆಯಲ್ಲಿ ಸೋಸುವಂತೆ ಕಲಿಸುವುದು. ಮದ್ದು ಎನ್ನುವುದಾದರೆ ಅದು ಬಾವಿಗೆ ಬಿದ್ದಿತೇ ಹೊರತು ರೋಗಿಯ ಬಾಯಿಗಲ್ಲ.

ನೀರು ಸೋಸುವುದು ಈ ನಾಡಿಗೆ ಹೊಸ ಮಾತೇ? ಯಾದಗಿರಿಗೆ ಬಹಳ ದೂರವಲ್ಲದ ಮಳಖೇಡವು ರಾಷ್ಟ್ರಕೂಟರ ರಾಜಧಾನಿಯಾಗಿತ್ತು, ಜೈನಧರ್ಮಕ್ಕೆ ಆಶ್ರಯವಾಗಿತ್ತು. ನೀರಿನಲ್ಲಿರುವ ಸೂಕ್ಷ್ಮ ಜೀವಿಗಳಿಗೆ ಹಿಂಸೆಯಾಗಬಾರದೆಂದು ಜೈನರು ನೀರನ್ನು ಸೋಸಿಯೇ ಕುಡಿಯುವವರು. ಮಾಂಸ ಮದ್ಯಗಳನ್ನು ಬಿಟ್ಟ ವೈದ್ಯಪದ್ಧತಿಯನ್ನು ‘ಕಲ್ಯಾಣಕಾರಕ’ ಎಂಬ ಸಂಸ್ಕೃತ ಗ್ರಂಥದಲ್ಲಿ ನಿರೂಪಿಸಿದ ಉಗ್ರಾದಿತ್ಯಾಚಾರ್ಯನು ನೃಪತುಂಗನ ಕಾಲದವನೆಂದು ವಿದ್ವಾಂಸರ ಮತ. ಕಣ್ಣಿಗೆ ಸರಿಯಾಗಿ ಕಾಣದ ಜೀವದ ಮೇಲಿನ ಕರುಣೆಯಿಂದ ಹುಟ್ಟಿದ ಆಚಾರವು, ಆ ಜೀವದ ಹೊಟ್ಟೆಯಲ್ಲಿದ್ದ ಶತ್ರುವಿನಿಂದ ಮನುಷ್ಯನನ್ನೂ ಕಾಪಾಡುವಂತಿತ್ತು! ಆಚಾರದ ಹಿಂದೆ ವಿಜ್ಞಾನವಿತ್ತೆಂದು ಹಿಗ್ಗಬೇಕಾಗಿಲ್ಲ, ಅಲ್ಲಿದ್ದುದು ದಯೆ. ಆದರೆ ದಯೆಯೂ ವಿಜ್ಞಾನವೂ ಒಂದೇ ಬಟ್ಟೆಯ ತುಂಡನ್ನು ಕೈಗೆತ್ತಿಕೊಂಡುವೆಂಬುದು ಮನಸ್ಸಿಗೆ ಹಿತವಾದ ಸಂಗತಿ.

ಬಟ್ಟೆ ಸುಲಭ, ಅಭ್ಯಾಸ ಕಷ್ಟ. ಬಿಸಿಲಲ್ಲಿ ಹೊಲದಿಂದ ಬಂದವನು ಬೊಗಸೆಯಲ್ಲಿ ಮೊಗೆದು ಕುಡಿಯುವ ಮುನ್ನ ಬಟ್ಟೆ ಹುಡುಕಬೇಕು. ಒಬ್ಬನೇ ದಿನ ಮರೆತರೂ ವರ್ಷದ ಮೇಲೆ ಕಾಲು ನೆನಪಿಸುತ್ತದೆ. ಇದಕ್ಕಿಂತ ಕಷ್ಟವಾದುದು ರೋಗಿಗೆ ಹೇಳುವ ಮಾತು: “ತಾಯೀ, ಹುಣ್ಣು ಮಾಯುವವರೆಗೆ ಬಾವಿಗಿಳಿಯಬೇಡ.” ಹೇಳುವುದು ಸುಲಭ. ಮನೆಯಲ್ಲಿ ನೀರು ತರುವವಳು ಅವಳೊಬ್ಬಳೇ ಆದರೆ? ಅವಳು ಇಳಿಯದಿದ್ದರೆ ಮಕ್ಕಳು ಬಾಯಾರುವರು. ಇಳಿದರೆ ಊರು ನರಳುವುದು. ಆ ಸಲಹೆ ನಡೆಯಬೇಕಾದರೆ ಪಕ್ಕದ ಮನೆಯವಳು ಎರಡು ಕೊಡ ಹೆಚ್ಚಿಗೆ ಹೊರಬೇಕು. ಬಾವಿಯ ಬಳಿ ಜಾತಿಯ ಗೆರೆ ಎಳೆದಿದ್ದ ಊರುಗಳಲ್ಲಿ ಇದು ಇನ್ನೂ ಕಠಿಣವಾದ ಪ್ರಶ್ನೆ. ವೈದ್ಯನ ಚೀಟಿಯಲ್ಲಿ ಬರೆದುಕೊಡಲಾಗದ ಈ ಔಷಧಿಯನ್ನು ನೆರೆಹೊರೆಯವರೇ ಪೂರೈಸಬೇಕಾಗಿತ್ತು. ರೋಗವು ಮೈಯಿಂದ ಮೈಗೆ ಬಾವಿಯ ಮೂಲಕ ಸಾಗಿದಂತೆ ಆರೋಗ್ಯವೂ ಮನೆಯಿಂದ ಮನೆಗೆ ಬಾವಿಯ ಮೂಲಕವೇ ಸಾಗಬೇಕಾಯಿತು.

ಫಲ ದೊರೆಯಿತು. ೧೯೯೬ರ ಜುಲೈ ತಿಂಗಳಲ್ಲಿ ರಾಜಸ್ಥಾನದ ಜೋಧಪುರ ಜಿಲ್ಲೆಯಲ್ಲಿ ಕಂಡುಬಂದ ರೋಗಿಯೇ ಭಾರತದ ಕೊನೆಯ ನಾರು ಹುಣ್ಣಿನ ರೋಗಿ. ಮುಂದೆ ಮೂರು ವರ್ಷಗಳಿಗೂ ಹೆಚ್ಚು ಕಾಲ ಹುಡುಕಿದರೂ ಇನ್ನೊಬ್ಬರು ಸಿಗಲಿಲ್ಲ. ೨೦೦೦ದ ಫೆಬ್ರವರಿಯಲ್ಲಿ ವಿಶ್ವ ಆರೋಗ್ಯ ಸಂಸ್ಥೆಯು ಭಾರತವು ಈ ರೋಗದಿಂದ ಮುಕ್ತವೆಂದು ಪ್ರಮಾಣಪತ್ರ ನೀಡಿತು. ಅಮೆರಿಕದ ಮಾಜಿ ಅಧ್ಯಕ್ಷ ಜಿಮ್ಮಿ ಕಾರ್ಟರ್ ಅವರ ಸಂಸ್ಥೆಯು ೧೯೮೬ರಲ್ಲಿ ಲೋಕವ್ಯಾಪಿ ಪ್ರಯತ್ನದ ಮುಂದಾಳುತನ ವಹಿಸಿದಾಗ ವರ್ಷಕ್ಕೆ ಸುಮಾರು ೩೫ ಲಕ್ಷ ಜನ ಇದಕ್ಕೆ ತುತ್ತಾಗುತ್ತಿದ್ದರೆಂದು ಅಂದಾಜು. ೨೦೨೪ರಲ್ಲಿ ಇಡೀ ಜಗತ್ತಿನಲ್ಲಿ ದಾಖಲಾದ ರೋಗಿಗಳು ೧೫ ಮಂದಿ, ಎಲ್ಲರೂ ಆಫ್ರಿಕದವರು. ಆಫ್ರಿಕದಲ್ಲಿ ನಾಯಿಗಳಿಗೂ ಈ ಸೋಂಕು ತಗುಲಿರುವುದರಿಂದ ಕೊನೆಯ ಹೆಜ್ಜೆ ನಿಧಾನವಾಗಿದೆ. ಅದು ಪೂರ್ಣವಾದ ದಿನ, ರೋಗಿಗೆ ಕೊಡುವ ಮದ್ದಾಗಲಿ ಲಸಿಕೆಯಾಗಲಿ ಇಲ್ಲದೆಯೇ ಮಾನವಕುಲವು ಅಳಿಸಿಹಾಕಿದ ಮೊದಲ ರೋಗವಿದು ಎಂದು ಹೇಳಬಹುದು.

ಇಷ್ಟು ದೊಡ್ಡ ಗೆಲವು ಇಷ್ಟು ಬೇಗ ಮರೆತುಹೋದುದೇಕೆ? ಶಸ್ತ್ರಚಿಕಿತ್ಸೆಯಿಂದ ಬದುಕಿದವನು ಡಾಕ್ಟರನ್ನು ಸಾಯುವವರೆಗೂ ನೆನೆಯುತ್ತಾನೆ. ಬಾರದೇ ಹೋದ ರೋಗಕ್ಕೆ ಕೃತಜ್ಞನಾದ ರೋಗಿ ಎಲ್ಲಿಂದ ಬರಬೇಕು? ಮೆಟ್ಟಿಲು ಮುಚ್ಚಿದ ಬಾವಿಯ ಕಟ್ಟೆಯ ಮೇಲೆ ಕಲ್ಲುಶಾಸನವಿಲ್ಲ. ಹೀಗೆ ಮರೆಯುವುದು ಸಹಜವಾದರೂ ಅಪಾಯವಿಲ್ಲದ್ದಲ್ಲ. ಸುರಪುರ ತಾಲ್ಲೂಕಿನ ಕಿರದಳ್ಳಿ ತಾಂಡಾದಲ್ಲಿ ಅಂತರ್ಜಲದಲ್ಲಿ ಸೇರಿದ್ದ ಆರ್ಸೆನಿಕ್ ವಿಷವು ಜನರ ಚರ್ಮವನ್ನು ಕೆಡಿಸಿದುದು ಈ ಶತಮಾನದ ಸಂಗತಿ. ಹುಳುವಿಲ್ಲದ ತಿಳಿನೀರು ನಿರ್ದೋಷವೆಂದು ನಂಬುವಂತಿಲ್ಲ. ಒಂದು ಕಾಲದ ಸುರಕ್ಷಿತ ನೀರನ್ನು ಮತ್ತೊಂದು ಕಾಲ ಮತ್ತೆ ಪರೀಕ್ಷಿಸಲೇಬೇಕು.

ವೈದ್ಯವೆಂದರೆ ಆಸ್ಪತ್ರೆ, ಮಾತ್ರೆ, ಸೂಜಿ ಎಂದು ಭಾವಿಸುವುದು ಪಟ್ಟಣದ ರೂಢಿ. ಅವು ಬೇಕು, ಬೇಡವೆನ್ನುವವರು ಯಾರೂ ಇಲ್ಲ. ಆದರೆ ಗುಲ್ಬರ್ಗ ರಾಯಚೂರುಗಳ ಹಳ್ಳಿಗಳಲ್ಲಿ ಸಾವಿರಾರು ಕಾಲುಗಳನ್ನು ಮತ್ತೆ ಹೊಲಕ್ಕೆ ನಡೆಸಿದುದು ಬೇರೆಯೇ ಒಂದು ವೈದ್ಯ. ಅದರಲ್ಲಿ ಫೆದ್ಚೆಂಕೊ, ಮೂರ್ತಿಯವರಂಥ ವಿಜ್ಞಾನಿಗಳಿದ್ದರು; ಮೆಟ್ಟಿಲ ಬಾವಿಗೆ ಕಟ್ಟೆ ಕಟ್ಟಿದ ಗಾರೆಯವರಿದ್ದರು; ಮನೆಮನೆಯ ಬಾಗಿಲು ತಟ್ಟಿದ ಆರೋಗ್ಯ ಕಾರ್ಯಕರ್ತರಿದ್ದರು; ಕೊಡದ ಬಾಯಿಗೆ ಬಟ್ಟೆ ಕಟ್ಟಿ ಪ್ರತಿದಿನ ನೀರು ಸೋಸಿದ ಹೆಂಗಸರಿದ್ದರು. ರೋಗದ ಚರಿತ್ರೆ ಬರೆಯುವವರು ಮೊದಲಿನವರ ಹೆಸರುಗಳನ್ನು ಬರೆದಿಟ್ಟಿದ್ದಾರೆ. ಕೊನೆಯವರ ಹೆಸರುಗಳು ಯಾವ ಪುಸ್ತಕದಲ್ಲಿಯೂ ಇಲ್ಲ. ಅವರ ಮಕ್ಕಳು ಕುಂಟದೆ ಶಾಲೆಗೆ ನಡೆದುಹೋದರು.