ಮಲ್ಲನ ತೋಳು, ಮಲ್ಲನ ಬಾಳು

ಧಾರವಾಡದಿಂದ ದಾಂಡೇಲಿಯ ಕಡೆಗೆ ಹೊರಟವರಿಗೆ ಎರೆಯ ಬಯಲು ಮುಗಿದು ಕೆಮ್ಮಣ್ಣೂ ಕಾಡೂ ಮೊದಲಾಗುವ ಎಡೆಯಲ್ಲಿ ಹಳಿಯಾಳ ಸಿಕ್ಕುತ್ತದೆ. ಈ ಊರಿನ ಹೆಸರೆತ್ತಿದೊಡನೆ ನಮ್ಮ ಉತ್ತರ ಭಾಗದ ಜನಕ್ಕೆ ನೆನಪಾಗುವುದು ಕುಸ್ತಿ. ಕೊಲ್ಲಾಪುರದ ಶಾಹೂ ಮಹಾರಾಜರು ಪೋಷಿಸಿ ಬೆಳೆಸಿದ ಮಲ್ಲವಿದ್ಯೆಯ ಗಾಳಿ ಬೆಳಗಾವಿ, ಧಾರವಾಡಗಳನ್ನು ದಾಟಿ ಈ ಕಾಡಿನ ಅಂಚಿನವರೆಗೂ ಬೀಸಿತು. ಹಲಗೆಯ ಬಡಿತ, ಕಣದ ಸುತ್ತ ಮರವೇರಿ ಕುಳಿತ ಹುಡುಗರು, ಗೆದ್ದವನ ಕೈಗೆ ಬೆಳ್ಳಿಯ ಕಡಗ, ತಲೆಗೆ ಪಟಗ: ಈ ನೋಟವನ್ನು ಕಂಡವರು ಮರೆಯಲಾರರು. ಇಂದು ರಾಜ್ಯದ ಕ್ರೀಡಾ ಇಲಾಖೆಯ ಕುಸ್ತಿಯ ವಸತಿ ನಿಲಯ ಇಲ್ಲಿದೆ. ಹುಡುಗರೊಡನೆ ಹುಡುಗಿಯರೂ ಕಣಕ್ಕಿಳಿಯುತ್ತಾರೆ; ಅವರಲ್ಲಿ ಸಿದ್ದಿ ಜನಾಂಗದ ಹೆಣ್ಣುಮಕ್ಕಳೂ ಉಂಟು.

ಹಳಿಯಾಳವನ್ನು ನೆನೆದಾಗಲೆಲ್ಲ ನಮಗೆ ಅಮೆರಿಕದ ಮುಷ್ಟಿಮಲ್ಲ ಜೋ ಲೂಯಿಯ ನೆನಪು ಬರುತ್ತದೆ. ಎತ್ತಣ ಮಾಮರ ಎತ್ತಣ ಕೋಗಿಲೆ ಎಂದು ವಾಚಕರು ನಗಬಹುದು. ಆದರೆ ಸಂಬಂಧವಿದೆ. ಹಳಿಯಾಳ, ಯಲ್ಲಾಪುರ, ಮುಂಡಗೋಡ, ಜೋಯಿಡಾಗಳ ಕಾಡಿನಲ್ಲಿ ನೆಲೆಸಿರುವ ಸಿದ್ದಿಗಳ ಪೂರ್ವಿಕರು ಆಫ್ರಿಕದಿಂದ ಬಂದವರು. ಪೋರ್ಚುಗೀಸರು ಗೋವೆಗೆ ಗುಲಾಮರನ್ನಾಗಿ ತಂದವರಲ್ಲಿ ಅನೇಕರು ಒಡೆಯರ ಕೈಯಿಂದ ತಪ್ಪಿಸಿಕೊಂಡು ಘಟ್ಟವನ್ನೇರಿ ಈ ಕಾಡು ಸೇರಿದರು. ಜೋ ಲೂಯಿಯೂ ಗುಲಾಮರ ಮೊಮ್ಮಗ. ಒಂದೇ ಖಂಡದಿಂದ ಕಿತ್ತು ತಂದ ಎರಡು ಕೊಂಬೆಗಳಲ್ಲಿ ಒಂದು ಅಲಬಾಮದ ಹತ್ತಿಯ ಹೊಲದಲ್ಲಿ, ಇನ್ನೊಂದು ನಮ್ಮ ಸಹ್ಯಾದ್ರಿಯ ಮಗ್ಗುಲಲ್ಲಿ ಬೇರುಬಿಟ್ಟವು. ಎರಡನ್ನೂ ಲೋಕ ಬಹುಕಾಲ ಒಂದೇ ಕಣ್ಣಿನಿಂದ ನೋಡಿತು. ಆ ಕಣ್ಣಿಗೆ ತೋಳು ಕಂಡಿತೇ ಹೊರತು ತೋಳಿನ ಹಿಂದಿನ ಮನುಷ್ಯ ಕಾಣಲಿಲ್ಲ.

ಲೂಯಿ ಹುಟ್ಟಿದ್ದು 1914ರ ಮೇ 13ರಂದು, ಕೋರಿನ ಹೊಲ ಉಳುವ ಬಡ ಕುಟುಂಬದಲ್ಲಿ. 1926ರಲ್ಲಿ ಸಂಸಾರ ಹೊಟ್ಟೆಪಾಡಿಗಾಗಿ ಕಾರ್ಖಾನೆಗಳ ಊರಾದ ಡೆಟ್ರಾಯಿಟ್‌ಗೆ ಹೋಯಿತು. ಮಗ ಪಿಟೀಲು ಕಲಿಯಲೆಂದು ತಾಯಿ ಕೂಡಿಟ್ಟುಕೊಟ್ಟ ಕಾಸನ್ನು ಅವನು ಮುಷ್ಟಿಯುದ್ಧದ ಗರಡಿಗೆ ಸುರಿದನೆಂದು ಕಥೆ ಹೇಳುತ್ತಾರೆ. (ಮಲ್ಲನನ್ನು ಏಕವಚನದಲ್ಲಿ ಕರೆಯುವುದು ನಮ್ಮಲ್ಲಿ ರೂಢಿ, ಅದು ಪ್ರೀತಿಯಿಂದ ಎಂದೇ ತಿಳಿಯೋಣ.) 1934ರಲ್ಲಿ ಅವನು ಹಣಕ್ಕಾಗಿ ಕಾದಾಡುವ ವೃತ್ತಿಮಲ್ಲನಾದ.

ಕರಿಯನಾದವನಿಗೆ ಆ ದಾರಿ ಸುಲಭವಾಗಿರಲಿಲ್ಲ. ಅವನಿಗಿಂತ ಮೊದಲು ಜ್ಯಾಕ್ ಜಾನ್ಸನ್ ಎಂಬ ಕರಿಯ ಮಲ್ಲನು 1908ರಿಂದ 1915ರವರೆಗೆ ಹೆವಿವೇಟ್ ವಿಭಾಗದ ಜಗಜಟ್ಟಿಯಾಗಿದ್ದ. ಸೋತ ಬಿಳಿಯನ ಮುಂದೆ ಅವನು ನಕ್ಕ, ತನಗಿಷ್ಟ ಬಂದಂತೆ ಬಾಳಿದ. ಆ ನಗೆಯ ಸಿಟ್ಟು ಅಮೆರಿಕಕ್ಕೆ ಇಪ್ಪತ್ತೆರಡು ವರ್ಷ ಆರಲಿಲ್ಲ. ಅಷ್ಟು ಕಾಲವೂ ಆ ಪಟ್ಟಕ್ಕೆ ಕಾದಾಡಲು ಯಾವ ಕರಿಯನಿಗೂ ಅವಕಾಶವಾಗಲಿಲ್ಲ. ಲೂಯಿಯನ್ನು ಬೆಳೆಸಿದವರು ಇದನ್ನು ಬಲ್ಲವರಾಗಿದ್ದರು. ಸೋತವನ ಮುಂದೆ ಹಿಗ್ಗಬಾರದು, ಬಿಳಿಯ ಹೆಂಗಸಿನ ಸಂಗಡ ಚಿತ್ರ ತೆಗೆಯಿಸಿಕೊಳ್ಳಬಾರದು ಎಂದು ಅವನಿಗೆ ಕಟ್ಟಳೆ ಹಾಕಿದರು. ಗುದ್ದಲು ಅಪ್ಪಣೆಯಿತ್ತು, ನಗಲು ಅಪ್ಪಣೆಯಿರಲಿಲ್ಲ. ಇಷ್ಟು ಸಭ್ಯನಾಗಿದ್ದರೂ ಪತ್ರಿಕೆಗಳು ಅವನನ್ನು ಬಣ್ಣಿಸಿದ್ದು ಕಾಡಿನ ಪ್ರಾಣಿಗಳ ಉಪಮೆಗಳಿಂದ. ಬರೆಯುವ ಕಸುಬಿನವರಾದ ನಾವು ಈ ಮಾತನ್ನು ನೆನಪಿಡಬೇಕು.

1936ರ ಜೂನಿನಲ್ಲಿ ಜರ್ಮನಿಯ ಮ್ಯಾಕ್ಸ್ ಷ್ಮೆಲಿಂಗ್ ಅವನನ್ನು ಹನ್ನೆರಡನೆಯ ಸುತ್ತಿನಲ್ಲಿ ಕೆಡವಿದ. ಹಿಟ್ಲರನ ಜನ ಅದನ್ನು ತಮ್ಮ ಜನಾಂಗದ ಗೆಲುವೆಂದು ಡಂಗುರ ಹೊಡೆದರು. ಮರುವರ್ಷ ಲೂಯಿ ಬ್ರಾಡಕ್ ಎಂಬವನನ್ನು ಸೋಲಿಸಿ ಪಟ್ಟವೇರಿದ. 1938ರ ಜೂನ್ 22ರಂದು ನ್ಯೂಯಾರ್ಕಿನಲ್ಲಿ ಸುಮಾರು ಎಪ್ಪತ್ತು ಸಾವಿರ ಜನರ ಮುಂದೆ ಅದೇ ಷ್ಮೆಲಿಂಗನು ಮತ್ತೆ ಎದುರಾದಾಗ ಕಾಳಗ ನಡೆದದ್ದು ಕೇವಲ 124 ಸೆಕೆಂಡು. ತನ್ನ ಊರಿನ ಎಷ್ಟೋ ಹೋಟೆಲುಗಳಲ್ಲಿ ಬಿಳಿಯರ ಪಕ್ಕ ಕುಳಿತು ಉಣ್ಣಲಾರದ ಒಬ್ಬ ಮನುಷ್ಯ ಆ ರಾತ್ರಿ ಇಡೀ ಅಮೆರಿಕದ ಮುಷ್ಟಿಯಾದ. ಷ್ಮೆಲಿಂಗನನ್ನು ಮಾತ್ರ ಖಳನೆಂದು ನೂಕುವುದು ಸಲ್ಲದು. ಅದೇ ವರ್ಷದ ನವೆಂಬರಿನಲ್ಲಿ ಯೆಹೂದಿಗಳ ಮನೆ ಅಂಗಡಿಗಳಿಗೆ ಬೆಂಕಿ ಬಿದ್ದಾಗ ಅವನು ಇಬ್ಬರು ಯೆಹೂದಿ ಹುಡುಗರನ್ನು ತನ್ನ ಕೋಣೆಯಲ್ಲಿ ಬಚ್ಚಿಟ್ಟು ಕಾಪಾಡಿದವನು.

ಲೂಯಿ ಪಟ್ಟವನ್ನು 1937ರಿಂದ 1949ರವರೆಗೆ ಇಪ್ಪತ್ತೈದು ಸಲ ಕಾಪಾಡಿಕೊಂಡ. ಯುದ್ಧ ಬಂದಾಗ, 1942ರಲ್ಲಿ, ಎರಡು ಕಾಳಗಗಳ ಸಂಪಾದನೆಯನ್ನು ನೌಕಾಪಡೆಯ ಮತ್ತು ಭೂಸೇನೆಯ ಪರಿಹಾರ ನಿಧಿಗಳಿಗೆ ಒಪ್ಪಿಸಿ ತಾನೂ ಸಿಪಾಯಿಯಾದ. ಕರಿಯರಿಗೂ ಬಿಳಿಯರಿಗೂ ಬೇರೆ ಬೇರೆ ತುಕಡಿಗಳಿದ್ದ ಆ ಸೇನೆಯಲ್ಲಿ ಸೈನಿಕರ ಮನರಂಜನೆಗಾಗಿ ಊರೂರು ತಿರುಗಿ ಪ್ರದರ್ಶನ ಕೊಟ್ಟ. ಇಲ್ಲಿಗೆ ಕಥೆ ಮುಗಿದಿದ್ದರೆ ನಮ್ಮ ಪಠ್ಯಪುಸ್ತಕಗಳಿಗೆ ಒಂದು ಒಳ್ಳೆಯ ಪಾಠವಾಗುತ್ತಿತ್ತು.

ಆದರೆ ಬಾಳು ಪಾಠದಂತೆ ಮುಗಿಯುವುದಿಲ್ಲ. ಅವನ ಕಾಳಗಗಳಿಂದ ಒಟ್ಟು 46 ಲಕ್ಷ ಡಾಲರು ಹುಟ್ಟಿತು, ಅವನ ಕೈಗೆ ಬಂದದ್ದು ಸುಮಾರು 8 ಲಕ್ಷ ಎಂದು ಲೆಕ್ಕ ಹೇಳುತ್ತಾರೆ. ಉಳಿದದ್ದು ವ್ಯವಸ್ಥಾಪಕರ ಪಾಲಿಗೆ, ಖರ್ಚಿಗೆ ಹೋಯಿತು. ಅವನೂ ಕೈಬಿಚ್ಚಿ ಹಂಚಿದ, ಕೈಹಾಕಿದ ವ್ಯಾಪಾರಗಳಲ್ಲೆಲ್ಲ ಕಳೆದುಕೊಂಡ. ಅವನ ತಪ್ಪನ್ನು ನಾವು ಮುಚ್ಚಿಡುವುದಿಲ್ಲ. ತೆರಿಗೆ ಇಲಾಖೆ ಲೆಕ್ಕ ತೆಗೆದಾಗ, ದೇಶಕ್ಕೆ ದಾನ ಕೊಟ್ಟ ಹಣವನ್ನೂ ಅವನ ಆದಾಯವೆಂದೇ ಹಿಡಿಯಿತು. ಬಾಕಿಯ ಮೇಲೆ ಬಡ್ಡಿ, ಬಡ್ಡಿಯ ಮೇಲೆ ದಂಡ ಬೆಳೆದು ಋಣ ಹತ್ತು ಲಕ್ಷ ಡಾಲರನ್ನು ಮೀರಿತು. ವಿಶ್ರಾಂತಿ ಪಡೆದಿದ್ದ ಮಲ್ಲ ಮೂವತ್ತಾರರ ವಯಸ್ಸಿನಲ್ಲಿ ಸಾಲ ತೀರಿಸಲು ಮತ್ತೆ ಕಣಕ್ಕಿಳಿದು ಎಜರ್ಡ್ ಚಾರ್ಲ್ಸ್‌ನಿಗೆ ಸೋತ. 1951ರ ಅಕ್ಟೋಬರಿನಲ್ಲಿ ರಾಕಿ ಮಾರ್ಸಿಯಾನೊ ಅವನನ್ನು ಎಂಟನೆಯ ಸುತ್ತಿನಲ್ಲಿ ಹಗ್ಗದಾಚೆಗೆ ಕೆಡವಿ, ಆಮೇಲೆ ಅವನ ಕೋಣೆಗೆ ಹೋಗಿ ತಾನೇ ಕಣ್ಣೀರು ಹಾಕಿದನಂತೆ. ಅಷ್ಟಕ್ಕೂ ಋಣ ತೀರದೆ 1956ರಲ್ಲಿ ಲೂಯಿ ಬಣ್ಣದ ಕುಸ್ತಿಗೆ, ಸೋಲುಗೆಲುವು ಮೊದಲೇ ಗೊತ್ತಾಗಿರುವ ಆ ತಮಾಷೆಗೆ ಇಳಿದ. ಕೊನೆಯ ವರ್ಷಗಳಲ್ಲಿ ಲಾಸ್ ವೇಗಸ್ಸಿನ ಜೂಜುಗೃಹವೊಂದರ ಬಾಗಿಲಲ್ಲಿ ಬಂದವರ ಕೈಕುಲುಕಿ ಸ್ವಾಗತಿಸುವುದು ಅವನ ಉದ್ಯೋಗವಾಯಿತು. 1981ರ ಏಪ್ರಿಲ್ 12ರಂದು ಸತ್ತಾಗ ಸರ್ಕಾರ ಅವನನ್ನು ವೀರಯೋಧರ ಸ್ಮಶಾನದಲ್ಲಿ ಗೌರವದಿಂದ ಹೂಳಿತು. ಅಂತ್ಯಕ್ರಿಯೆಯ ಖರ್ಚಿಗೆ ನೆರವಾದವರಲ್ಲಿ ಒಬ್ಬನು ಮ್ಯಾಕ್ಸ್ ಷ್ಮೆಲಿಂಗ್.

ಇದನ್ನು ಓದುವಾಗ ನಮಗೆ ವಿರಾಟನ ಅರಮನೆ ಕಣ್ಣಿಗೆ ಕಟ್ಟುತ್ತದೆ. ಅಡಿಗೆಯವನ ವೇಷದಲ್ಲಿದ್ದ ಭೀಮನು ಜೀಮೂತನೆಂಬ ಮಲ್ಲನನ್ನು ಕೊಂದು ಮತ್ಸ್ಯರಾಜನ ಮಾನ ಕಾಯ್ದ. ಮುಂದೆ ಏನಾಯಿತೆಂಬುದನ್ನು ಕಥೆ ಹೇಳುವವರು ಹಲವೊಮ್ಮೆ ಬಿಟ್ಟುಬಿಡುತ್ತಾರೆ. ಭೀಮನಿಗೆ ಸಮನಾದ ಜಟ್ಟಿ ಸಿಗದೆ ಹೋದಾಗ ಅರಸನು ಅವನನ್ನು ಅಂತಃಪುರದ ಹೆಂಗಸರ ವಿನೋದಕ್ಕಾಗಿ ಹುಲಿ ಸಿಂಹಗಳೊಡನೆ ಕಾದಾಡಿಸಿದ. ದ್ರೌಪದಿ ಅದನ್ನು ನೋಡಿ ಸಂಕಟಪಟ್ಟಳು. ನಮ್ಮ ಕಲ್ಯಾಣದ ಚಾಲುಕ್ಯ ಮೂರನೆಯ ಸೋಮೇಶ್ವರನ ‘ಮಾನಸೋಲ್ಲಾಸ’ದಲ್ಲಿ ಮಲ್ಲರ ಕಾಳಗದ ಪ್ರಕರಣಕ್ಕೆ ಹೆಸರೇ ಮಲ್ಲವಿನೋದ. ವಿನೋದ ಅರಸನದು, ಮೂಳೆ ಮಲ್ಲನದು. ಮೈಸೂರಿನ ದಸರೆಯಲ್ಲಿ ವಿಜಯದಶಮಿಯ ದಿನ ಜಟ್ಟಿಗಳು ಆಡುವ ವಜ್ರಮುಷ್ಟಿ ಕಾಳಗವೂ ಒಬ್ಬನ ತಲೆಯಿಂದ ರಕ್ತ ಚಿಮ್ಮಿದೊಡನೆ ಮುಗಿಯುತ್ತದೆ. ಆದರೂ ಅರಸೊತ್ತಿಗೆಯ ಕಾಲದಲ್ಲಿ ಜಟ್ಟಿಯ ಮನೆತನಕ್ಕೆ ಅರಮನೆಯ ಆಶ್ರಯವೆಂಬುದೊಂದಿತ್ತು. ಕಾಳಗ ಮುಗಿದ ಮರುದಿನವೂ ಅವನು ಅರಸನ ಮಲ್ಲನಾಗಿಯೇ ಉಳಿಯುತ್ತಿದ್ದ.

ಇನ್ನು ಹಳಿಯಾಳಕ್ಕೆ ಮರಳೋಣ. 1987ರಲ್ಲಿ, ಮಾರ್ಗರೆಟ್ ಆಳ್ವ ಅವರು ಕೇಂದ್ರದಲ್ಲಿ ಕ್ರೀಡಾ ಸಚಿವೆಯಾಗಿದ್ದಾಗ, ಭಾರತದ ಕ್ರೀಡಾ ಪ್ರಾಧಿಕಾರವು ‘ವಿಶೇಷ ಪ್ರದೇಶ ಕ್ರೀಡೆ’ಗಳ ಯೋಜನೆಯೊಂದನ್ನು ಕೈಗೊಂಡಿತು. ಗುಡ್ಡಗಾಡಿನ, ಕಾಡಿನ, ಕಡಲತೀರದ ಮಕ್ಕಳಲ್ಲಿ ಸಹಜವಾಗಿರುವ ಕಸುವನ್ನು ಹುಡುಕಿ ತರಬೇತಿ ಕೊಡುವುದು ಅದರ ಉದ್ದೇಶ. ಅಧಿಕಾರಿಗಳು ಸಿದ್ದಿಗಳ ಕೇರಿಗಳಿಗೂ ಬಂದರು. ಆಫ್ರಿಕದ ರಕ್ತದವರು ಓಡಿಯಾರು, ಜಿಗಿದಾರು ಎಂಬುದು ಲೆಕ್ಕಾಚಾರ. ಅಲ್ಲಿಯವರೆಗೆ ಕಾಡಿನ ಕೂಲಿಯೆಂದು ಮಾತ್ರ ಕಂಡಿದ್ದ ಜನ ಒಮ್ಮೆಲೇ ದೇಶದ ಪದಕದ ಆಸೆಯಾದರು. ಆ ಲೆಕ್ಕಾಚಾರದಲ್ಲಿ ಒಂದು ಅವಮಾನವೂ ಅಡಗಿತ್ತು. ಓಟ ರಕ್ತದಿಂದ ಬರುವುದಾದರೆ ಹುಡುಗಿಯ ದುಡಿಮೆಗೆ ಬೆಲೆಯೇನು? ಆದರೂ ಹೊಟ್ಟೆತುಂಬ ಊಟ, ಶಾಲೆ, ಬೂಟು, ಬಯಲು ಸಿಕ್ಕಿದುವು, ಅದನ್ನು ಅಲ್ಲಗಳೆಯಲಾಗದು. ಕೆಲವೇ ವರ್ಷಗಳಲ್ಲಿ ಸಿದ್ದಿ ಹುಡುಗ ಹುಡುಗಿಯರು ರಾಷ್ಟ್ರಮಟ್ಟದ ಪದಕ ಗೆದ್ದು ತೋರಿಸಿದರು.

1993ರಲ್ಲಿ ಸಿದ್ದಿಗಳ ಪಾಲಿಗೆ ಆ ಬಾಗಿಲು ಮುಚ್ಚಿತು. ಕೆಲವರಿಗೆ ಆಟದ ಬಲದಿಂದ ನೌಕರಿ ದೊರೆಯಿತು. ಉಳಿದವರು ಅರ್ಧ ಕಲಿತ ವಿದ್ಯೆ, ಅರ್ಧ ಬೆಳೆದ ತೋಳುಗಳೊಡನೆ ಹೊಲಕ್ಕೂ ಕಾಡಿಗೂ ಮರಳಿದರು. ಒಂದು ಸಸಿಗೆ ಆರು ವರ್ಷ ನೀರೆರೆದು ಏಳನೆಯ ಬೇಸಗೆಯಲ್ಲಿ ಕೈಬಿಟ್ಟಂತೆ ಇದು. ಕರ್ನಾಟಕದಲ್ಲಿ ಸಿದ್ದಿಗಳಿಗೆ ಪರಿಶಿಷ್ಟ ಪಂಗಡದ ಮಾನ್ಯತೆ ದೊರೆತದ್ದು 2003ರಲ್ಲಿ, ಬಾಗಿಲು ಮುಚ್ಚಿ ಹತ್ತು ವರ್ಷಗಳಾದ ಮೇಲೆ.

ಯೋಜನೆಯೇ ತಪ್ಪಾಗಿತ್ತೆಂದು ಯಾರಾದರೂ ವಾದಿಸಿದರೆ ಮಣಿಪುರದ ಕಡೆ ನೋಡಬೇಕು. ಅನಾಥಾಲಯದಲ್ಲಿ ಬೆಳೆದ ಡಿಂಕೊ ಸಿಂಗ್ ಎಂಬ ಹುಡುಗ ಇದೇ ಯೋಜನೆಯ ಕಣ್ಣಿಗೆ ಬಿದ್ದು, 1998ರ ಬ್ಯಾಂಕಾಕ್ ಏಷ್ಯನ್ ಕ್ರೀಡಾಕೂಟದಲ್ಲಿ ಮುಷ್ಟಿಯುದ್ಧದ ಚಿನ್ನವನ್ನು ತಂದ. ಅವನನ್ನು ನೋಡಿ ಕೈಗವಸು ತೊಟ್ಟವರಲ್ಲಿ ಮೇರಿ ಕೋಮ್ ಒಬ್ಬರು. ಅಲ್ಲಿ ಬಾಗಿಲು ತೆರೆದೇ ಇದ್ದುದರ ಫಲ ಇದು. ಆದರೆ ಡಿಂಕೊನ ಮುಂದಿನ ಬಾಳು ಲೂಯಿಯ ಕಥೆಯನ್ನೇ ನೆನಪಿಸುತ್ತದೆ. ಯಕೃತ್ತಿನ ಕ್ಯಾನ್ಸರಿನ ಚಿಕಿತ್ಸೆಗಾಗಿ ಆತ ಮನೆಯನ್ನೇ ಮಾರಬೇಕಾಯಿತೆಂದು ಪತ್ರಿಕೆಗಳು ಬರೆದುವು. 2021ರ ಜೂನ್ 10ರಂದು ತೀರಿಕೊಂಡಾಗ ಅವನ ವಯಸ್ಸು 42. ಚಿನ್ನ ಗೆದ್ದವನಿಗೇ ಹೀಗಾದರೆ, ಚಿನ್ನದ ದಾರಿಯಲ್ಲಿ ನಡುವೆಯೇ ನಿಂತವರನ್ನು ಕೇಳುವವರು ಯಾರು?

ಈಚಿನ ವರ್ಷಗಳಲ್ಲಿ ಮುಂಡಗೋಡಿನಲ್ಲಿ ‘ಬ್ರಿಜಸ್ ಆಫ್ ಸ್ಪೋರ್ಟ್ಸ್’ ಎಂಬ ಖಾಸಗಿ ಸಂಸ್ಥೆ ಸಿದ್ದಿ ಮಕ್ಕಳಿಗೆ ಓಟದ ತರಬೇತಿ ಕೊಡುತ್ತ ಬಂದಿದೆ. ಹಳಿಯಾಳದ ಕುಸ್ತಿ ನಿಲಯವಿದೆ. ಇವೆಲ್ಲ ಸಂತೋಷದ ಮಾತುಗಳೇ. ನಾವು ಕೇಳುವುದು ಇನ್ನೂ ಒಂದು ಹೆಜ್ಜೆ ಮುಂದಿನದು. ಹತ್ತು ಹನ್ನೆರಡರ ವಯಸ್ಸಿನ ಮಗುವನ್ನು ತಾಯಿಯ ಮಗ್ಗುಲಿನಿಂದ ಎಬ್ಬಿಸಿ ವಸತಿ ನಿಲಯಕ್ಕೆ ಕರೆದೊಯ್ಯುವಾಗಲೇ, ಆ ಮಗು ಮೂವತ್ತು ದಾಟಿದ ಮೇಲೆ ಏನು ಮಾಡೀತು ಎಂಬುದನ್ನು ಕಾಗದದಲ್ಲಿ ಬರೆದು ತಾಯಿಯ ಕೈಗೆ ಕೊಡಬೇಕು. ಮೊಣಕಾಲು ಮುರಿದರೆ ಚಿಕಿತ್ಸೆಯ ವೆಚ್ಚ ಯಾರದು, ಓದು ಎಲ್ಲಿಯವರೆಗೆ, ಪದಕ ಬಾರದಿದ್ದರೆ ಉದ್ಯೋಗವೇನು, ಇವಿಷ್ಟೂ ಆ ಕಾಗದದಲ್ಲಿರಲಿ. ಕುಸ್ತಿಯ ಖುರಾಕಿಗೆ ಹಣ ಕೊಡುವ ಊರ ಧಣಿಗಳೂ ಇದನ್ನು ಯೋಚಿಸಬೇಕು. ಹಾಲು ಬಾದಾಮಿಗಳ ಲೆಕ್ಕ ಜಾತ್ರೆಯ ದಿನಕ್ಕೆ ಮುಗಿಯುತ್ತದೆ, ಪೈಲ್ವಾನನ ಹಸಿವು ಮುಗಿಯುವುದಿಲ್ಲ.

ಅದಕ್ಕಿಂತ ಮೊದಲು ಆಗಬೇಕಾದ ಕೆಲಸ ಇನ್ನೊಂದಿದೆ. 1987ರಿಂದ 1993ರ ನಡುವೆ ಹಳಿಯಾಳ, ಯಲ್ಲಾಪುರ, ಮುಂಡಗೋಡಗಳ ಕಾಡಿನಿಂದ ಆರಿಸಿ ಒಯ್ದ ಮಕ್ಕಳು ಇಂದು ಐವತ್ತರ ಆಸುಪಾಸಿನವರು. ಅವರ ಪಟ್ಟಿಯನ್ನು ಕಡತಗಳಿಂದ ಹೊರತೆಗೆಯಲಿ. ಬದುಕಿರುವವರ ಮನೆಗೆ ಹೋಗಿ, ನಿಮ್ಮ ಊರಿನ ಮಕ್ಕಳಿಗೆ ಓಡುವುದನ್ನು ಕಲಿಸುವಿರಾ ಎಂದು, ಸಂಬಳದ ಆದೇಶವನ್ನು ಕೈಯಲ್ಲಿ ಹಿಡಿದು ಕೇಳಲಿ.